ಇಂಚಿಗೆ ಎಷ್ಟು ಹೊಲಿಗೆ, ಇಂಚಿಗೆ ಎಷ್ಟು ಚುಕ್ಕಿ

ಕೇಳುಗರೆಲ್ಲರಿಗೂ ನಮಸ್ಕಾರ.

ನಾನು ಬಳ್ಳಾರಿಯಲ್ಲಿ ಕಂಪ್ಯೂಟರ್ ಎಂಬ್ರಾಯ್ಡರಿಗೆ ಡಿಸೈನ್ ಮಾಡಿಕೊಡುವವಳು. ನಮ್ಮೂರಿನ ಜೀನ್ಸ್ ಪ್ಯಾಂಟ್ ನೀವು ನೋಡಿರುತ್ತೀರಿ. ಅದರ ಹಿಂದಿನ ಜೇಬಿನ ಮೇಲೆ ಬಾಗಿದ ಗೆರೆ, ರೆಕ್ಕೆ, ಅಕ್ಷರ ಏನಾದರೂ ದಾರದಲ್ಲಿ ಮೂಡಿರುತ್ತದಲ್ಲ, ಅದನ್ನು ಮೊದಲು ಕಂಪ್ಯೂಟರ್ ಪರದೆಯ ಮೇಲೆ ಒಂದೊಂದೇ ಚುಕ್ಕಿ ಇಟ್ಟು ಬರೆಯಬೇಕು. ಸೂಜಿ ಎಲ್ಲಿ ಇಳಿಯಬೇಕು, ಎಲ್ಲಿ ತಿರುಗಬೇಕು ಅನ್ನುವುದನ್ನು ಆ ಚುಕ್ಕಿಗಳೇ ಮಷಿನ್ನಿಗೆ ಹೇಳುತ್ತವೆ. ನಮ್ಮ ಕಸುಬಿನಲ್ಲಿ ಇದಕ್ಕೆ ಪಂಚಿಂಗ್ ಅನ್ನುತ್ತೇವೆ.

ಈ ಕೆಲಸಕ್ಕೆ ನಾನು ಇಟ್ಟುಕೊಂಡಿರುವುದು ಗೇಮಿಂಗ್ ಮೌಸ್. ಹೆಬ್ಬೆರಳಿಗೆ ಸಿಗುವಂತೆ ಅದರ ಪಕ್ಕದಲ್ಲಿ ಎರಡು ಬಟನ್ ಇವೆ. ಮುಂದಿನದಕ್ಕೆ ಅನ್‌ಡೂ, ಅಂದರೆ ಈಗಷ್ಟೇ ಮಾಡಿದ್ದನ್ನು ಅಳಿಸುವ ಕೆಲಸ, ಹಿಂದಿನದಕ್ಕೆ ಜೂಮ್ ಕೊಟ್ಟುಕೊಂಡಿದ್ದೇನೆ. ಪದೇ ಪದೇ ಕೀಬೋರ್ಡಿಗೆ ಕೈ ಹಾಕುವುದು ತಪ್ಪುತ್ತದೆ, ಮಣಿಕಟ್ಟಿನ ನೋವು ಎಷ್ಟೋ ಕಡಿಮೆ. ಸಂಜೆಯಾದರೆ ಅದೇ ಕಂಪ್ಯೂಟರಿನ ಮುಂದೆ ನನ್ನ ಮಗ ಕೂರುತ್ತಾನೆ. ಪಿಯುಸಿ ಓದುವ ಹುಡುಗ, ಒಂದು ತಾಸು ಗೇಮ್ ಆಡುತ್ತಾನೆ.

ಕಳೆದ ಬೇಸಿಗೆಯ ಒಂದು ರಾತ್ರಿ. ಮಗ ಗೇಮನ್ನು ಮುಚ್ಚದೆ ಕೆಳಗಿಳಿಸಿ ಊಟಕ್ಕೆ ಎದ್ದಿದ್ದ. ಬೆಳಿಗ್ಗೆಗೆ ಕೊಡಬೇಕಾದ ಡಿಸೈನ್ ಬಾಕಿ ಇತ್ತು, ನಾನು ಕೂತೆ. ಜೇಬಿನ ಕಮಾನಿನ ತುದಿಗೆ ಚುಕ್ಕಿ ಇಡಲು ಹೋದರೆ ಬಾಣದ ಗುರುತು ಕೈಗಿಂತ ಮುಂದೆ ಓಡಿತು. ಚುಕ್ಕಿ ಎರಡು ಮಿಲಿಮೀಟರ್ ಆಚೆ ಬಿತ್ತು. ಹೆಬ್ಬೆರಳಿನಲ್ಲಿ ಅನ್‌ಡೂ ಒತ್ತಿದೆ, ಅಳಿಸಿತು ಅಂದುಕೊಂಡು ಇನ್ನೊಂದು ಇಟ್ಟೆ. ಅದೂ ಆಚೆ ಬಿತ್ತು. ಮತ್ತೆ ಒತ್ತಿದೆ, ಮತ್ತೆ ಇಟ್ಟೆ. ಅಷ್ಟು ಸಣ್ಣ ಜಾಗದಲ್ಲಿ ಗೆರೆಗಳು ಒಂದರ ಮೇಲೊಂದು ಕೂತು ಒಂದೇ ಗೆರೆಯಂತೆ ಕಂಡವು. ಅನ್‌ಡೂ ಆಗಿರಲೇ ಇಲ್ಲ. ಆ ಹೊತ್ತಿಗೆ ನನ್ನ ಹೆಬ್ಬೆರಳಿನ ಬಟನ್ ಅನ್‌ಡೂ ಆಗಿ ಉಳಿದಿರಲಿಲ್ಲ.

ಮರುದಿನ ಕೌಲ್ ಬಜಾರಿನ ಯೂನಿಟ್ಟಿನಿಂದ ಮಾಸ್ಟರ್ ಫೋನ್ ಮಾಡಿದರು. "ಅಕ್ಕಾ, ಒಂದೇ ಜಾಗದಾಗ ದಾರ ಗಂಟ್ ಕಟ್ಟಾಕತ್ತೈತೆ. ಸೂಜಿ ಮುರದ್ವು. ಏನ್ ಪಂಚ್ ಮಾಡೀರಿ, ಸ್ವಲ್ಪ ನೋಡ್ರಿ." ಹನ್ನೆರಡು ಹೆಡ್ಡಿನ ಮಷಿನ್ ಅದು. ನಾನು ಒಂದು ಕಡೆ ತಪ್ಪಿದರೆ ಹನ್ನೆರಡು ಜೇಬಿನ ಮೇಲೆ ಒಟ್ಟಿಗೆ ತಪ್ಪುತ್ತದೆ. ಹೊಲಿಗೆಯ ಮೇಲೆ ಹೊಲಿಗೆ ಬಿದ್ದು ದಾರ ಗುಡ್ಡೆಯಾಗಿತ್ತು, ಗಟ್ಟಿ ಡೆನಿಮ್ ಬಟ್ಟೆಯಲ್ಲಿ ಸೂಜಿಗೆ ದಾರಿ ಸಿಕ್ಕಿರಲಿಲ್ಲ.

ಅದೇ ವಾರ ಮಗನೂ ಕೇಳಿದ್ದ. "ಅಮ್ಮಾ, ಗುರಿ ಇಟ್ರೆ ದಾಟಿ ಹೊಕ್ಕೈತೆ. ನನ್ ಕೈನಾ ಕೆಟ್ಟೈತೇನು?"

ನನಗೂ ಅದೇ ಭಯ ಹುಟ್ಟಿತ್ತು. ಕೈ ನಂಬಿ ಬದುಕುವವರಿಗೆ ಕೈ ನಡುಗುತ್ತಿದೆಯೇನೋ ಅನ್ನುವ ಅನುಮಾನ ಬಂದರೆ ರಾತ್ರಿ ನಿದ್ದೆ ಬರುವುದಿಲ್ಲ. ಎರಡು ದಿನ ಬೆರಳುಗಳನ್ನು ಬೆಳಕಿಗೆ ಹಿಡಿದು ನೋಡಿಕೊಂಡೆ.

ಗುಟ್ಟು ಬಿಟ್ಟುಕೊಟ್ಟದ್ದು ಮೌಸಿನ ದೀಪ. ನಾನು ಕೆಲಸ ಮಾಡುವಾಗ ಅದು ಹಸಿರು. ಒಂದು ಸಂಜೆ ಮಗನ ಪಕ್ಕ ನಿಂತಿದ್ದೆ. ಅವನು ಗೇಮ್ ತೆರೆದ, ಪರದೆ ಕಪ್ಪಾಯಿತು, ಅವನ ಬೆರಳ ಸಂದಿಯಲ್ಲಿ ಹಸಿರು ಹೋಗಿ ನೀಲಿ ಬಂತು. ಮೌಸನ್ನು ಯಾರೂ ಏನೂ ಮಾಡಿರಲಿಲ್ಲ. ಗೇಮನ್ನು ಕೆಳಗಿಳಿಸು ಅಂದೆ. ಇಳಿಸಿದ. ದೀಪ ನೀಲಿಯಾಗಿಯೇ ಇತ್ತು.

ಅಲ್ಲಿ ನಡೆಯುತ್ತಿದ್ದದ್ದು ಇಷ್ಟು. ಗೇಮಿಂಗ್ ಮೌಸ್, ಕೀಬೋರ್ಡ್, ಹೆಡ್‌ಸೆಟ್ ಕೊಂಡಾಗ ಅದರ ಜೊತೆ ಒಂದು ಸಾಫ್ಟ್‌ವೇರ್ ಹಾಕಿಕೊಳ್ಳಲು ಹೇಳುತ್ತಾರೆ. ಗಡಿಯಾರದ ಪಕ್ಕದ ಮೂಲೆಯಲ್ಲಿ ಸಣ್ಣ ಚಿತ್ರವಾಗಿ ಕೂತು ಅದು ಸದಾ ಓಡುತ್ತಿರುತ್ತದೆ. ಕಂಪ್ಯೂಟರಿನಲ್ಲಿ ಯಾವ ಯಾವ ಗೇಮ್ ಇವೆ ಎಂದು ತಾನೇ ಹುಡುಕಿ ಒಂದೊಂದಕ್ಕೂ ಒಂದು ಪ್ರೊಫೈಲ್ ಮಾಡಿಡುತ್ತದೆ. ಪ್ರೊಫೈಲ್ ಅಂದರೆ ಮೌಸಿನ ವೇಗ, ಬಟನ್ನುಗಳ ಕೆಲಸ, ದೀಪದ ಬಣ್ಣ ಎಲ್ಲ ಸೇರಿದ ಒಂದು ಕಟ್ಟು. ಗೇಮ್ ತೆರೆದ ಕೂಡಲೇ ನಿಮ್ಮ ಕಟ್ಟನ್ನು ತೆಗೆದಿಟ್ಟು ಅದರ ಕಟ್ಟನ್ನು ಹಾಕುತ್ತದೆ. ಗೇಮಿನಿಂದ ಹೊರಬಂದರೆ ಹಳೆಯದನ್ನು ಮರಳಿ ಹಾಕಬೇಕು. ನಮ್ಮ ಮನೆಯಲ್ಲಿ ಈ ಮರಳುವ ಹೆಜ್ಜೆಯೇ ತಪ್ಪಿತ್ತು.

ವೇಗ ಅಂದೆನಲ್ಲ, ಅದರ ಅಳತೆಗೆ ಡಿಪಿಐ ಎಂದು ಹೆಸರು. ಇಂಚಿಗೆ ಎಷ್ಟು ಚುಕ್ಕಿ ಎಂದು ಅರ್ಥ. ಇದನ್ನು ಟೇಲರ್‌ಗಳಿಗೆ ತಿಳಿಸಿ ಹೇಳುವುದು ಬಹಳ ಸುಲಭ, ಯಾಕೆಂದರೆ ಅವರು ದಿನವೂ ಇಂಚಿಗೆ ಎಷ್ಟು ಹೊಲಿಗೆ ಎಂದು ಲೆಕ್ಕ ಹಾಕುವವರು. ಜೀನ್ಸಿಗೆ ಸಾಮಾನ್ಯವಾಗಿ ಇಂಚಿಗೆ 7 ಅಥವಾ 8 ಹೊಲಿಗೆ, ಶರ್ಟಿಗಾದರೆ ಅದಕ್ಕಿಂತ ಒತ್ತಾಗಿ. ಹೊಲಿಗೆ ಮಷಿನ್ನಿನ ಪಕ್ಕದ ಗುಂಡಿ ತಿರುಗಿಸಿದರೆ ಈ ಲೆಕ್ಕ ಬದಲಾಗುತ್ತದೆ. ಮೌಸಿನ ಕೆಳಗಿರುವ ಸೆನ್ಸರ್ ಕೂಡ ಹಾಗೆಯೇ ಎಣಿಸುತ್ತದೆ. 800 ಡಿಪಿಐ ಇಟ್ಟರೆ ಕೈ ಒಂದು ಇಂಚು ಸರಿದಾಗ 800 ಎಣಿಕೆ ಕಂಪ್ಯೂಟರಿಗೆ ಹೋಗುತ್ತದೆ. 1600 ಇಟ್ಟರೆ ಅದೇ ಒಂದು ಇಂಚಿಗೆ 1600. ಒಂದು ವ್ಯತ್ಯಾಸ ಮಾತ್ರ ಇದೆ. ಹೊಲಿಗೆ ಒತ್ತಾದಷ್ಟೂ ಬಟ್ಟೆ ನಿಧಾನ ಸಾಗುತ್ತದೆ, ಮೌಸಿನಲ್ಲಿ ಎಣಿಕೆ ಹೆಚ್ಚಾದಷ್ಟೂ ಗುರುತು ಜೋರಾಗಿ ಓಡುತ್ತದೆ.

ಇದನ್ನು ನಾನು ಟೇಪು ಹಿಡಿದು ಅಳೆದು ನೋಡಿದ್ದೇನೆ, ನೀವೂ ನೋಡಬಹುದು. ಸಾಮಾನ್ಯ ಫುಲ್ ಎಚ್‌ಡಿ ಪರದೆಯ ಅಗಲ 1920 ಪಿಕ್ಸೆಲ್, ಅಂದರೆ ಪರದೆಯ 1920 ಸಣ್ಣ ಚುಕ್ಕಿ. ವಿಂಡೋಸಿನ ಪಾಯಿಂಟರ್ ವೇಗ ನಡುವಿನ ಗೆರೆಯಲ್ಲೇ ಇದ್ದರೆ ಒಂದು ಎಣಿಕೆಗೆ ಗುರುತು ಒಂದು ಪಿಕ್ಸೆಲ್ ಸರಿಯುತ್ತದೆ. ಹಾಗಾಗಿ 800 ಡಿಪಿಐ ಇದ್ದರೆ ಪರದೆಯ ಎಡ ಅಂಚಿನಿಂದ ಬಲ ಅಂಚಿಗೆ ಹೋಗಲು ಕೈ 2.4 ಇಂಚು ಸರಿಯಬೇಕು. 1600ಕ್ಕೆ 1.2 ಇಂಚು ಸಾಕು. ನಿಮ್ಮ ಕೈ ವರ್ಷಗಟ್ಟಲೆ ಕಲಿತಿರುವುದು 2.4 ಇಂಚಿನ ಪಾಠ. ನಿಮ್ಮನ್ನು ಕೇಳದೆ ಯಾರೋ ಅದನ್ನು ಅರ್ಧಕ್ಕೆ ಇಳಿಸಿದರೆ ಕೈ ತಪ್ಪದೆ ಇನ್ನೇನು ಮಾಡೀತು? ನುರಿತ ಟೇಲರ್ ಊಟಕ್ಕೆ ಹೋಗಿ ಬರುವಷ್ಟರಲ್ಲಿ ಯಾರಾದರೂ ಹೊಲಿಗೆಯ ಗುಂಡಿ ತಿರುಗಿಸಿಟ್ಟಿದ್ದರೆ ಮೊದಲ ನಾಲ್ಕು ಹೊಲಿಗೆಗೇ ಅವರಿಗೆ ಗೊತ್ತಾಗುತ್ತದೆ, ಯಾಕೆಂದರೆ ಗುಂಡಿ ಕಣ್ಣಿಗೆ ಕಾಣುತ್ತದೆ. ಮೌಸಿನ ಗುಂಡಿ ಸಾಫ್ಟ್‌ವೇರಿನ ಒಳಗೆ ಎಲ್ಲೋ ಇರುತ್ತದೆ, ಹಾಗಾಗಿ ನಾವು ಕೈಯನ್ನೇ ಬೈದುಕೊಳ್ಳುತ್ತೇವೆ. ನನಗೆ ಬೇಸರವಾದದ್ದು ಮುರಿದ ಸೂಜಿಗಳಿಗಿಂತ ಇದಕ್ಕೆ. ಆಡುವ ಮಕ್ಕಳು ಎಷ್ಟು ಜನ ಹೀಗೆ ತಮ್ಮ ಕೈ ಸರಿಯಿಲ್ಲ ಎಂದುಕೊಂಡು ಸುಮ್ಮನಾಗಿದ್ದಾರೋ.

ಈಗ ಇದನ್ನು ನಿಲ್ಲಿಸುವ ಬಗೆ ಹೇಳುತ್ತೇನೆ. ಬರೆದುಕೊಳ್ಳುವವರು ಪೆನ್ನು ತೆಗೆದುಕೊಳ್ಳಿ.

ಮೊದಲು, ಇದೇ ಕಾರಣವೋ ಅಲ್ಲವೋ ಖಾತ್ರಿ ಮಾಡಿಕೊಳ್ಳಿ. ಬಹಳಷ್ಟು ಗೇಮಿಂಗ್ ಮೌಸಿನಲ್ಲಿ ಚಕ್ರದ ಹಿಂದೆ ಡಿಪಿಐ ಬದಲಿಸುವ ಬಟನ್ ಇರುತ್ತದೆ. ಬೆರಳು ತಾಗಿ ಅದು ಒತ್ತಿಹೋದರೂ ವೇಗ ಏರಿಳಿಯುತ್ತದೆ. ಗೇಮ್ ತೆರೆದಾಗ, ಮುಚ್ಚಿದಾಗ ಮಾತ್ರ ಬದಲಾಗುತ್ತಿದ್ದರೆ ಅದು ಪ್ರೊಫೈಲಿನ ಕೆಲಸ. ದೀಪ ಇರುವ ಮೌಸ್ ಆದರೆ ಸಾಫ್ಟ್‌ವೇರಿನಲ್ಲಿ ಕೆಲಸದ ಪ್ರೊಫೈಲಿಗೆ ಒಂದು ಬಣ್ಣ, ಗೇಮಿನದಕ್ಕೆ ಇನ್ನೊಂದು ಬಣ್ಣ ಕೊಟ್ಟು ನೋಡಿ. ಒಂದೇ ಸಂಜೆಯಲ್ಲಿ ಗೊತ್ತಾಗುತ್ತದೆ.

ಪ್ರೊಫೈಲಿನದೇ ಕೆಲಸ ಎಂದಾದರೆ ಗೇಮಿನ ಪ್ರೊಫೈಲನ್ನು ಅಳಿಸಿಬಿಡೋಣ ಅನ್ನಿಸುತ್ತದೆ. ನಾನೂ ಹಾಗೇ ಮಾಡಿದೆ. ಸಾಫ್ಟ್‌ವೇರ್ ಇನ್ನೊಮ್ಮೆ ಗೇಮ್‌ಗಳನ್ನು ಹುಡುಕಿದಾಗ ಅದು ತಿರುಗಿ ಬಂತು. ಆದ್ದರಿಂದ ಅಳಿಸುವುದಕ್ಕಿಂತ ನಿಮ್ಮ ಪ್ರೊಫೈಲಿಗೆ ಬೀಗ ಹಾಕುವುದು ಒಳ್ಳೆಯದು. ಲಾಜಿಟೆಕ್ ಕಂಪನಿಯ ಜಿ ಹಬ್‌ನಲ್ಲಿ ಈ ಬೀಗಕ್ಕೆ ಪರ್ಸಿಸ್ಟೆಂಟ್ ಪ್ರೊಫೈಲ್ ಎಂದು ಹೆಸರು. ಯಾವ ಪ್ರೊಫೈಲನ್ನು ಪರ್ಸಿಸ್ಟೆಂಟ್ ಮಾಡುತ್ತೀರೋ, ಯಾವ ಗೇಮ್ ತೆರೆದರೂ ಅದೇ ಉಳಿಯುತ್ತದೆ. ಡೆಸ್ಕ್‌ಟಾಪ್ ಎಂಬ ಹೆಸರಿನಲ್ಲಿ ಮೊದಲಿನಿಂದ ಇರುವ ಪ್ರೊಫೈಲನ್ನು ನಿಮಗೆ ಬೇಕಾದಂತೆ ಹೊಂದಿಸಿ, ಅದಕ್ಕೆ ಈ ಬೀಗ ಹಾಕಿ. ಇದೇ ಕಂಪನಿಯ ಹಳೆಯ ಗೇಮಿಂಗ್ ಸಾಫ್ಟ್‌ವೇರ್ ಇನ್ನೂ ಇಟ್ಟುಕೊಂಡವರಿದ್ದಾರೆ. ಅದರಲ್ಲಿ ಮೊದಲ ಪುಟದಲ್ಲೇ ಎರಡು ಆಯ್ಕೆ: ಆಟೋಮ್ಯಾಟಿಕ್ ಗೇಮ್ ಡಿಟೆಕ್ಷನ್, ಇಲ್ಲವೇ ಆನ್‌ಬೋರ್ಡ್ ಮೆಮೊರಿ. ಎರಡನೆಯದನ್ನು ಆರಿಸಿದರೆ ಮುಗಿಯಿತು. ರೇಜರ್‌ನ ಸಿನಾಪ್ಸ್‌ನಲ್ಲಿ ಪ್ರೊಫೈಲಿಗೆ ಗೇಮನ್ನು ಜೋಡಿಸಿರುತ್ತಾರೆ, ಲಿಂಕ್ಡ್ ಗೇಮ್ಸ್ ಎಂಬಲ್ಲಿ ಆ ಜೋಡಣೆಯನ್ನು ಬಿಡಿಸಬೇಕು. ಕೋರ್ಸೇರ್‌ನ ಐಕ್ಯೂನಲ್ಲೂ ಪ್ರೊಫೈಲಿಗೆ ಪ್ರೋಗ್ರಾಮ್ ಲಿಂಕ್ ಆಗಿರುತ್ತದೆ, ಅದನ್ನು ತೆಗೆಯಬೇಕು. ಹೊಸ ಹೊಸ ಆವೃತ್ತಿ ಬಂದಂತೆ ಮೆನು ಆಚೆ ಈಚೆ ಆಗುತ್ತದೆ. ಪ್ರೊಫೈಲ್, ಲಿಂಕ್, ಡಿಟೆಕ್ಷನ್, ಪರ್ಸಿಸ್ಟೆಂಟ್ ಎಂಬ ಪದಗಳನ್ನು ನೆನಪಿಟ್ಟುಕೊಂಡು ಹುಡುಕಿ.

ನನಗೆ ಎಲ್ಲಕ್ಕಿಂತ ಹಿಡಿಸಿದ್ದು ಆನ್‌ಬೋರ್ಡ್ ಮೆಮೊರಿ. ಒಳ್ಳೆಯ ಮೌಸುಗಳಲ್ಲಿ ಸೆಟ್ಟಿಂಗನ್ನು ಮೌಸಿನ ಒಳಗೇ ಬರೆದಿಡುವ ಸಣ್ಣ ಜಾಗ ಇರುತ್ತದೆ. ಅಲ್ಲಿ ಬರೆದ ಮೇಲೆ ಕಂಪ್ಯೂಟರಿನ ಸಾಫ್ಟ್‌ವೇರ್ ಓಡದಿದ್ದರೂ ವೇಗ, ಬಟನ್ ಎಲ್ಲ ಹಾಗೇ ಇರುತ್ತವೆ. ಕರೆಂಟ್ ಹೋದರೂ ಅಳಿಸುವುದಿಲ್ಲ. ಯೂನಿಟ್ಟಿನ ಕಂಪ್ಯೂಟರಿನಲ್ಲಿ ಕೂತು ಸಣ್ಣ ತಿದ್ದುಪಡಿ ಮಾಡಬೇಕಾದಾಗ ನಾನು ನನ್ನ ಮೌಸನ್ನು ಚೀಲದಲ್ಲಿ ಹಾಕಿಕೊಂಡೇ ಹೋಗುತ್ತೇನೆ. ಅಲ್ಲಿ ಏನೂ ಇನ್‌ಸ್ಟಾಲ್ ಮಾಡಬೇಕಿಲ್ಲ, ಚುಚ್ಚಿದರೆ ಸಾಕು, ಅನ್‌ಡೂ ಹೆಬ್ಬೆರಳಿನಲ್ಲೇ ಇರುತ್ತದೆ. ಕಟಿಂಗ್ ಮಾಸ್ಟರ್ ತಮ್ಮ ಕತ್ತರಿಯನ್ನು ಬೇರೆ ಯಾರಿಗೂ ಕೊಡದೆ ಜೊತೆಗೇ ಒಯ್ಯುತ್ತಾರಲ್ಲ, ಹಾಗೆ. ಆ ಜಾಗ ಚಿಕ್ಕದಾದ್ದರಿಂದ ಒಂದು ಬಟನ್ನಿನಿಂದ ಪ್ರೋಗ್ರಾಮ್ ತೆರೆಯುವಂಥ ಕೆಲಸಗಳು ಅದರಲ್ಲಿ ನಡೆಯುವುದಿಲ್ಲ, ಅದಕ್ಕೆ ಸಾಫ್ಟ್‌ವೇರ್ ಬೇಕೇ ಬೇಕು.

ಇನ್ನೊಂದು ಮಾತು. ಈ ಸಾಫ್ಟ್‌ವೇರ್‌ಗಳು ಗೇಮನ್ನು ಗುರುತಿಸುವುದು ಹೆಚ್ಚಾಗಿ ಅದರ ಫೈಲಿನ ಹೆಸರಿನಿಂದ. ಹೆಸರು ಒಂದೇ ಆದರೆ ಮೋಸ ಹೋಗುವ ಸಂಭವ ಇದೆ. ಮೈನ್‌ಕ್ರಾಫ್ಟ್‌ನ ಜಾವಾ ಆವೃತ್ತಿ ವಿಂಡೋಸಿನಲ್ಲಿ ಓಡುವುದು ಜಾವಾಡಬ್ಲ್ಯೂ ಎಂಬ ಫೈಲಿನ ಹೆಸರಿನಲ್ಲಿ. ಜಾವಾದಲ್ಲಿ ಬರೆದ ಎಷ್ಟೋ ಲೆಕ್ಕಪತ್ರದ, ಕಚೇರಿಯ ಪ್ರೋಗ್ರಾಮ್‌ಗಳೂ ಅದೇ ಹೆಸರಿನಲ್ಲಿ ಓಡುತ್ತವೆ. ಮನೆಯ ಮಕ್ಕಳು ಆಡುವ ಕಂಪ್ಯೂಟರಿನಲ್ಲಿ ಬಿಲ್ ಮಾಡುವ ಅಂಗಡಿಯವರು, ಬಿಲ್ ತೆರೆದಾಗ ಮೌಸಿಗೆ ಹುಚ್ಚು ಹಿಡಿದಂತಾದರೆ ಇದನ್ನೊಮ್ಮೆ ನೋಡಬೇಕು.

ಪ್ರೊಫೈಲಿಗೆ ಬೀಗ ಹಾಕಿದ ಮೇಲೂ ಕೈ ತಪ್ಪುತ್ತಿದ್ದರೆ ವಿಂಡೋಸಿನ ಮೌಸ್ ಸೆಟ್ಟಿಂಗ್‌ಗೆ ಹೋಗಿ. ಎನ್‌ಹಾನ್ಸ್ ಪಾಯಿಂಟರ್ ಪ್ರಿಸಿಷನ್ ಎಂಬ ಒಂದು ಟಿಕ್ ಇರುತ್ತದೆ. ಹೆಸರು ಕೇಳಿದರೆ ನಿಖರತೆ ಹೆಚ್ಚಿಸುತ್ತದೆ ಅನ್ನಿಸುತ್ತದೆ, ಮಾಡುವುದು ಬೇರೆ. ಕೈ ನಿಧಾನ ಸರಿದರೆ ಗುರುತು ಕಡಿಮೆ ದೂರ, ಜೋರಾಗಿ ಸರಿದರೆ ಹೆಚ್ಚು ದೂರ ಹೋಗುವಂತೆ ಮಾಡುತ್ತದೆ. ಪಂಚಿಂಗ್ ಮಾಡುವವರು, ಗುರಿ ಇಡುವ ಗೇಮ್ ಆಡುವವರು ಆ ಟಿಕ್ ತೆಗೆದರೆ ಇಂಚಿಗೆ ಇಂಚು ಲೆಕ್ಕ ಸಿಗುತ್ತದೆ. ನಾನು ಹೇಳಿದ ಟೇಪಿನ ಅಳತೆಯೂ ಈ ಟಿಕ್ ತೆಗೆದಾಗಲೇ ಸರಿ ಬರುತ್ತದೆ.

ಪ್ರೊಫೈಲ್ ತಾನಾಗಿ ಬದಲಾಗುವುದೇ ಕೆಟ್ಟದ್ದು ಎಂದು ನಾನು ಹೇಳುವುದಿಲ್ಲ. ಒಂದು ಗೇಮಿಗೆ ಹತ್ತು ಬಟನ್ ಬೇಕು, ಇನ್ನೊಂದಕ್ಕೆ ಎರಡೇ ಸಾಕು ಅನ್ನುವವರಿಗೆ ಅದು ಅನುಕೂಲ. ಅವರು ತಾವೇ ಕೂತು ಹೊಂದಿಸಿಕೊಂಡಿರುತ್ತಾರೆ, ಯಾವಾಗ ಏನು ಬದಲಾಗುತ್ತದೆ ಎಂದು ಅವರಿಗೆ ಗೊತ್ತು. ನಮ್ಮ ಮನೆಯಲ್ಲಿ ಇಬ್ಬರಿಗೂ ಗೊತ್ತಿರಲಿಲ್ಲ. ಹಾಗಾಗಿ ಮಗನೂ ನಾನೂ ಕೂತು ಮಾತಾಡಿಕೊಂಡೆವು. ಅವನಿಗೆ 1600 ಬೇಕೇ ಬೇಕು ಎಂದಿರಲಿಲ್ಲ, ಅದು ಸಾಫ್ಟ್‌ವೇರ್ ಆರಿಸಿದ್ದ ಅಂಕಿ. ಮೌಸಿಗೆ 800 ಬರೆದೆವು. ಗೇಮಿನ ಒಳಗಿನ ಸೆನ್ಸಿಟಿವಿಟಿಯನ್ನು ಅವನು ತನ್ನ ಕೈಗೆ ತಕ್ಕಂತೆ ಏರಿಸಿಕೊಂಡ. ಅದು ಗೇಮಿನೊಳಗೇ ಉಳಿಯುತ್ತದೆ, ನನ್ನ ಡಿಸೈನಿಗೆ ತಾಗುವುದಿಲ್ಲ. ಮೊದಲ ಎರಡು ದಿನ ಗೊಣಗಿದ. ಮೂರನೆಯ ದಿನ, "ಅಮ್ಮಾ, ಈಗ ಕೈ ಹೇಳ್ದಂಗ ಕೇಳ್ತೈತೆ" ಅಂದ.

ಎಲ್ಲ ಮುಗಿದ ಮೇಲೆ ಒಂದು ಪರೀಕ್ಷೆ ಮಾಡಿ. ಗೇಮ್ ತೆರೆಯಿರಿ, ಕೆಳಗಿಳಿಸಿ, ನಿಮ್ಮ ಕೆಲಸದ ಪ್ರೋಗ್ರಾಮ್ ತೆರೆಯಿರಿ, ಮತ್ತೆ ಗೇಮಿಗೆ ಹೋಗಿ. ಕಂಪ್ಯೂಟರನ್ನು ಆಫ್ ಮಾಡಿ ಆನ್ ಮಾಡಿದ ಮೇಲೂ ಇನ್ನೊಮ್ಮೆ ಹೀಗೆಯೇ ನೋಡಿ. ಅಷ್ಟೂ ಹೊತ್ತು ಮೌಸಿನ ದೀಪದ ಮೇಲೆ ಕಣ್ಣಿರಲಿ. ನಮ್ಮದು ಹಸಿರಾಗಿಯೇ ಇದೆ.

ನಮಸ್ಕಾರ.