ಮೆಷಿನ್ ಓಡುತ್ತಿರುವಾಗಲೇ ಕಲಿಸಬೇಕು

ಕೇಳುಗರೆಲ್ಲರಿಗೂ ನಮಸ್ಕಾರ.

ಇವತ್ತು ಕಾಗದದ ಮಿಲ್ಲಿನಲ್ಲಿ ದುಡಿಯುವವರ ಬಗ್ಗೆ ಮಾತಾಡೋಣ ಅಂತ ಬಂದಿದ್ದೇನೆ. ನಮ್ಮ ರಾಜ್ಯದಲ್ಲಿ ಕಾಗದ ಅಂದ ಕೂಡಲೇ ಎರಡು ಊರು ನೆನಪಿಗೆ ಬರುತ್ತವೆ. ಕಾಳಿ ನದಿಯ ದಂಡೆಯ ದಾಂಡೇಲಿ, ಭದ್ರಾ ನದಿಯ ದಂಡೆಯ ಭದ್ರಾವತಿ. ದಾಂಡೇಲಿಯ ವೆಸ್ಟ್ ಕೋಸ್ಟ್ ಪೇಪರ್ ಮಿಲ್ಸ್ ಸ್ಥಾಪನೆಯಾದದ್ದು 1955ರಲ್ಲಿ. ಇವತ್ತಿಗೂ ನಡೆಯುತ್ತಿದೆ. ಭದ್ರಾವತಿಯ ಮೈಸೂರು ಪೇಪರ್ ಮಿಲ್ಸ್, ಅಂದರೆ ಎಲ್ಲರ ಬಾಯಲ್ಲಿ ಎಂಪಿಎಂ, 1936ರಲ್ಲಿ ನಾಲ್ವಡಿ ಕೃಷ್ಣರಾಜ ಒಡೆಯರ ಕಾಲದಲ್ಲಿ ಹುಟ್ಟಿತು. 1977ರಲ್ಲಿ ಸರ್ಕಾರಿ ಕಂಪನಿಯಾಯಿತು. 2015ರ ಕೊನೆಯ ಹೊತ್ತಿಗೆ ಅಲ್ಲಿ ಮೆಷಿನ್ ನಿಂತಿತು. ಒಂದು ಊರಿನಲ್ಲಿ ಕೆಲಸ ಬದಲಾಗುತ್ತಿದೆ, ಇನ್ನೊಂದು ಊರಿನಲ್ಲಿ ಕೆಲಸವೇ ಹೋಯಿತು. ಎರಡು ಕಡೆಯವರಿಗೂ ಹೊಸ ಕಲಿಕೆ ಬೇಕು. ಆದರೆ ಬೇಕಾದದ್ದು ಒಂದೇ ಬಗೆಯ ಕಲಿಕೆಯಲ್ಲ.

ನಾನು ಮಿಲ್ಲಿನ ಒಳಗೇ ದುಡಿದವನು. ಆಮೇಲೆ ಹೊಸಬರಿಗೆ ಕಲಿಸುವ ಕೆಲಸಕ್ಕೂ ನಿಂತವನು. ಹಾಗಾಗಿ ಕಂಡದ್ದನ್ನೇ ಹೇಳುತ್ತೇನೆ.

ಕಾಗದದ ಮೆಷಿನ್ ನೋಡದವರಿಗಾಗಿ ಸ್ವಲ್ಪ ವಿವರಿಸಿಬಿಡುತ್ತೇನೆ. ನೀರಿನಲ್ಲಿ ಕಲಸಿದ ನಾರಿಗೆ ಪಲ್ಪ್ ಅನ್ನುತ್ತೇವೆ, ಅದನ್ನು ಮೆಷಿನ್ನಿಗೆ ಹರಿಸುವ ಪೆಟ್ಟಿಗೆಗೆ ಹೆಡ್‌ಬಾಕ್ಸ್. ಹೆಡ್‌ಬಾಕ್ಸಿನಿಂದ ಹೊರಗೆ ಬರುವ ಪಲ್ಪಿನಲ್ಲಿ ನೂರಕ್ಕೆ 99 ಪಾಲು ನೀರೇ ಇರುತ್ತದೆ. ಅದು ಓಡುತ್ತಿರುವ ಒಂದು ಜಾಲರಿಯ ಮೇಲೆ ಹರಡಿಕೊಳ್ಳುತ್ತದೆ. ಈ ಜಾಲರಿಗೆ ಮಿಲ್ಲಿನಲ್ಲಿ ವೈರ್ ಅನ್ನುತ್ತೇವೆ. ವೈರಿನಲ್ಲಿ ನೀರು ಸೋರುತ್ತದೆ, ಪ್ರೆಸ್ ರೋಲುಗಳ ನಡುವೆ ಹಿಂಡಿ ಹೋಗುತ್ತದೆ, ಉಳಿದದ್ದು ಡ್ರೈಯರ್ ಸಿಲಿಂಡರುಗಳ ಬಿಸಿಗೆ ಆವಿಯಾಗುತ್ತದೆ. ಪ್ರೆಸ್ ದಾಟಿದ ಹಾಳೆ ನೂರಕ್ಕೆ ಒಂದು ಪಾಲು ಜಾಸ್ತಿ ಒಣಗಿದ್ದರೆ ಡ್ರೈಯರಿನಲ್ಲಿ ನೂರಕ್ಕೆ ಸುಮಾರು 4 ಪಾಲು ಸ್ಟೀಮ್ ಉಳಿತಾಯವಾಗುತ್ತದೆ. ಇದು ಮಿಲ್ಲಿನವರೆಲ್ಲ ಬಾಯಿಪಾಠ ಮಾಡಿಕೊಂಡ ಲೆಕ್ಕ.

ಈಗ ವೈರಿನ ಪಕ್ಕ ನಿಂತ ಹಳೆಯ ಮೆಷಿನ್‌ಮ್ಯಾನನ್ನು ನೋಡಿ. ವೈರಿನ ಮೇಲೆ ಒಂದು ಜಾಗದವರೆಗೆ ಪಲ್ಪು ಫಳಫಳ ಹೊಳೆಯುತ್ತದೆ. ಅಲ್ಲಿಂದಾಚೆ ಹೊಳಪು ಹೋಗಿ ಮಂಕಾಗುತ್ತದೆ. ಆ ಗೆರೆಗೆ ಡ್ರೈ ಲೈನ್ ಅಂತ ಹೆಸರು. ಗೆರೆ ಮುಂದಕ್ಕೆ ಸರಿದರೆ ನೀರು ಸರಿಯಾಗಿ ಇಳಿಯುತ್ತಿಲ್ಲ ಅಂತ ಅವನಿಗೆ ಗೊತ್ತಾಗುತ್ತದೆ. ರಿಫೈನರಿನಲ್ಲಿ ಪಲ್ಪನ್ನು ಜಾಸ್ತಿ ಅರೆದಿರಬಹುದು, ಇಲ್ಲವೇ ನೀರು ತಣ್ಣಗಾಗಿರಬಹುದು. ಗೆರೆ ಒಂದು ಪಕ್ಕಕ್ಕೆ ಮಾತ್ರ ಸೊಟ್ಟಗಾದರೆ ಹೆಡ್‌ಬಾಕ್ಸಿನ ಸ್ಲೈಸ್, ಅಂದರೆ ಪಲ್ಪು ಹೊರಗೆ ಬರುವ ಸೀಳು, ನೋಡಲು ಹೋಗುತ್ತಾನೆ. ಪಲ್ಪನ್ನು ಬೆರಳ ನಡುವೆ ಉಜ್ಜಿ ನೋಡಿ ಅರೆದದ್ದು ಸಾಕೋ ಸಾಲದೋ ಹೇಳಿಬಿಡುತ್ತಾನೆ. ಇದನ್ನೆಲ್ಲ ಅವನಿಗೆ ಯಾರೂ ಕೂರಿಸಿ ಕಲಿಸಲಿಲ್ಲ. ವರ್ಷಗಟ್ಟಲೆ ಹಿರಿಯರ ಹಿಂದೆ ನಿಂತು ಕಲಿತದ್ದು.

ಅದೇ ಮನುಷ್ಯನನ್ನು ಒಂದು ದಿನ ಏಸಿ ಹಾಕಿದ ಕಂಟ್ರೋಲ್ ರೂಮಿನಲ್ಲಿ ನಾಲ್ಕೈದು ಸ್ಕ್ರೀನ್ ಮುಂದೆ ಕೂರಿಸುತ್ತಾರೆ. ಡಿಸಿಎಸ್ ಬಂದಿದೆ ಅನ್ನುತ್ತಾರೆ. ಎಲ್ಲ ವಾಲ್ವು, ಎಲ್ಲ ಪಂಪು ಒಂದೇ ಕಡೆಯಿಂದ ನಡೆಸುವ ಕಂಪ್ಯೂಟರ್ ವ್ಯವಸ್ಥೆ ಅದು. ಮೆಷಿನ್ನಿನ ಕೊನೆಯಲ್ಲಿ ಸ್ಕ್ಯಾನರ್ ಹಾಳೆಯ ಈ ಅಂಚಿನಿಂದ ಆ ಅಂಚಿಗೆ ಓಡಾಡುತ್ತಾ ತೂಕ ಎಷ್ಟು, ತೇವ ಎಷ್ಟು ಅಂತ ಗೀಟು ಎಳೆದು ತೋರಿಸುತ್ತದೆ. ಗೀಟು ಮೇಲೆ ಹೋದರೆ ಈ ಬಟನ್ ಒತ್ತು, ಕೆಳಗೆ ಬಂದರೆ ಆ ಬಟನ್ ಒತ್ತು. ಬಹಳ ಕಡೆ ತರಬೇತಿ ಇಷ್ಟಕ್ಕೇ ಮುಗಿಯುತ್ತದೆ.

ನನಗೆ ಇದೇ ಸಂಕಟ. ಅವನ ಕಣ್ಣು, ಕೈ ಕಲಿತದ್ದನ್ನೆಲ್ಲ ಬಾಗಿಲ ಹೊರಗೆ ಬಿಟ್ಟು ಬಾ ಅಂದ ಹಾಗೆ ಆಗುತ್ತದೆ. ಹಾಗೆ ಮಾಡಿದರೆ ನಷ್ಟ ಮಿಲ್ಲಿಗೇ.

ಒಂದು ಸಲ ರಾತ್ರಿ ಶಿಫ್ಟಿನಲ್ಲಿ ಸ್ಕ್ರೀನ್ ಮೇಲೆ ಹಾಳೆಯ ತೇವ ಸರಿಯಾಗೇ ಇತ್ತು. ಕಂಟ್ರೋಲ್ ರೂಮಿನಲ್ಲಿದ್ದ ಹುಡುಗ ನೆಮ್ಮದಿಯಾಗಿದ್ದ. ಹೊರಗಡೆ ರೀಲಿನ ಹತ್ತಿರ ನಿಂತಿದ್ದ ಹಿರಿಯರೊಬ್ಬರು ಸುತ್ತಿದ ರೋಲಿಗೆ ಕೈ ತಾಗಿಸಿ ನೋಡಿದವರೇ ಒಳಗೆ ಬಂದರು. "ಕಾಗದ ಹಸಿ ಇದೆ ತಮ್ಮ, ನಿನ್ನ ಸ್ಕ್ರೀನ್ ಏನಾದ್ರೂ ಹೇಳ್ಲಿ" ಅಂದರು. ಲ್ಯಾಬಿಗೆ ತುಂಡು ಕಳಿಸಿ ನೋಡಿದರೆ ಅವರು ಹೇಳಿದ್ದೇ ಸರಿ. ಸ್ಕ್ಯಾನರಿನ ಕಿಂಡಿಯ ಮೇಲೆ ಧೂಳು ಕೂತಿತ್ತು. ಒರೆಸಿದ ಮೇಲೆ ಗೀಟು ತನ್ನ ಜಾಗಕ್ಕೆ ಬಂತು. ಮಾರನೇ ದಿನದಿಂದ ಅವರಿಬ್ಬರನ್ನೂ ಜೊತೆಯಲ್ಲೇ ಕೂರಿಸಿದೆವು. ಹುಡುಗ ಹಿರಿಯರಿಗೆ ಹಿಂದಿನ ಎಂಟು ಗಂಟೆಯ ಟ್ರೆಂಡ್, ಅಂದರೆ ಗೀಟು ಹೇಗೆ ಹೋಗಿತ್ತು ಅನ್ನುವುದನ್ನು, ಸ್ಕ್ರೀನಿನಲ್ಲಿ ತೆಗೆದು ನೋಡಲು ಕಲಿಸಿದ. ಹಾಳೆ ಕಟ್ ಆಗುವ ಸ್ವಲ್ಪ ಮುಂಚೆ ಏನೇನು ಬದಲಾಗಿತ್ತು ಅಂತ ಅವರು ಅದರಲ್ಲಿ ಹುಡುಕತೊಡಗಿದರು. ಅವರು ಹುಡುಗನಿಗೆ ಡ್ರೈ ಲೈನ್ ಓದುವುದನ್ನು ಕಲಿಸಿದರು. ನಾನು ಕಂಡ ತರಬೇತಿಗಳಲ್ಲಿ ಇಷ್ಟು ಚೆನ್ನಾಗಿ ಫಲ ಕೊಟ್ಟದ್ದು ಇನ್ನೊಂದಿಲ್ಲ. ಖರ್ಚೂ ಇಲ್ಲ.

ಇದಕ್ಕೆ ಉಲ್ಟಾ ಆದದ್ದನ್ನೂ ಕಂಡಿದ್ದೇನೆ. ರಾತ್ರಿಪಾಳಿ ಮುಗಿಸಿ ಕಣ್ಣು ಕೆಂಪಾದವರನ್ನು ಬೆಳಿಗ್ಗೆ ಹಾಲಿನಲ್ಲಿ ಕೂರಿಸುತ್ತಾರೆ. ಹೊರಗಿನಿಂದ ಬಂದವರು ಇಂಗ್ಲಿಷ್ ಸ್ಲೈಡ್ ಓದುತ್ತಾರೆ. ಹಾಜರಿ ಹಾಳೆಗೆ ಸಹಿ ಹಾಕಿಸಿಕೊಂಡರೆ ಆಯಿತು, ಆಡಿಟ್ ಫೈಲಿಗೆ ಸೇರುತ್ತದೆ. ಆ ಹೊತ್ತಿಗೆ ಸಂಬಳವೂ ಇಲ್ಲ, ಓಟಿಯೂ ಇಲ್ಲ. ಅಂಥ ಕಡೆ ಯಾರು ಏನು ಕಲಿಯುತ್ತಾರೆ ಹೇಳಿ? ಕಲಿಯುವುದೂ ಕೆಲಸದ ಒಂದು ಭಾಗ ಅಲ್ವಾ? ಹಾಗಿದ್ದ ಮೇಲೆ ಕೆಲಸದ ಹೊತ್ತಿನಲ್ಲೇ ಆಗಬೇಕು.

ಭಾಷೆಯ ವಿಷಯವೂ ಅಷ್ಟೇ. ದಾಂಡೇಲಿಯಂಥ ಊರಿನಲ್ಲಿ ಒಂದೇ ಶಿಫ್ಟಿನಲ್ಲಿ ಕನ್ನಡ, ಕೊಂಕಣಿ, ಮರಾಠಿ, ಹಿಂದಿ, ತೆಲುಗು ಎಲ್ಲ ಕೇಳಿಸುತ್ತದೆ. ಮೆಷಿನ್ನಿನ ಮ್ಯಾನುಯಲ್ ಮಾತ್ರ ಇಂಗ್ಲಿಷಿನಲ್ಲಿ. ಕಾಗದ ತಂತ್ರಜ್ಞಾನ ಕಲಿಸಲು ನಮ್ಮ ದೇಶದಲ್ಲಿ ಹೆಸರಾದ ಜಾಗ ಉತ್ತರ ಪ್ರದೇಶದ ಸಹಾರನ್‌ಪುರ. ಅಲ್ಲಿ 1964ರಲ್ಲಿ ಶುರುವಾದ ಶಾಲೆ ಈಗ ರೂರ್ಕಿ ಐಐಟಿಯ ವಿಭಾಗ. ಕೇಂದ್ರದ ಪಲ್ಪ್ ಮತ್ತು ಪೇಪರ್ ಸಂಶೋಧನಾ ಸಂಸ್ಥೆಯೂ ಅದೇ ಊರಿನಲ್ಲಿದೆ. ಒಳ್ಳೆಯ ಸಂಸ್ಥೆಗಳು. ಎಂಜಿನಿಯರುಗಳು ಅಲ್ಲಿಂದ ತಯಾರಾಗಿ ಬರುತ್ತಾರೆ. ಆದರೆ ವೈರ್ ಪಕ್ಕ ನಿಂತ ನಮ್ಮ ಹುಡುಗನಿಗೆ ಸಹಾರನ್‌ಪುರ ಬಹಳ ದೂರ. ಅವನಿಗೆ ಬೇಕಾದದ್ದು ಕನ್ನಡದ ನಾಲ್ಕು ಪುಟ, ಫೋನಿನಲ್ಲಿ ನೋಡಬಹುದಾದ ಮೂರು ನಿಮಿಷದ ವಿಡಿಯೋ. ಅದೂ ಅವನ ಮೆಷಿನ್ನಿನದ್ದೇ ಆಗಿರಬೇಕು. ಮಾತುಗಳೂ ಅವನು ದಿನಾ ಆಡುವವೇ ಆಗಿರಬೇಕು. ಫೆಲ್ಟು, ಕೌಚ್, ಬ್ರೋಕ್ ಅನ್ನುವವನಿಗೆ ನಿಘಂಟಿನ ಪದ ಹುಡುಕಿ ಕೊಡುವುದು ಬೇಡ.

ಮಿಲ್ಲಿನಲ್ಲಿ ತಪ್ಪು ಕಲಿಕೆಗೆ ಜಾಗವೇ ಇಲ್ಲದ ಕೆಲಸಗಳೂ ಇವೆ. ರಿಕವರಿ ಬಾಯ್ಲರ್ ಅವುಗಳಲ್ಲಿ ಒಂದು. ಮರ ಬೇಯಿಸಿ ಉಳಿದ ಕಪ್ಪು ದ್ರಾವಣಕ್ಕೆ ಬ್ಲ್ಯಾಕ್ ಲಿಕ್ಕರ್ ಅನ್ನುತ್ತೇವೆ. ಅದನ್ನು ಗಟ್ಟಿ ಮಾಡಿ ಈ ಬಾಯ್ಲರಿನಲ್ಲಿ ಸುಡುತ್ತಾರೆ. ಅದರಿಂದ ಸ್ಟೀಮೂ ಸಿಗುತ್ತದೆ, ರಾಸಾಯನಿಕವೂ ವಾಪಸ್ ಸಿಗುತ್ತದೆ. ಕುಲುಮೆಯ ತಳದಲ್ಲಿ ಕರಗಿದ ಉಪ್ಪು ಕೆಂಡವಾಗಿ ನಿಂತಿರುತ್ತದೆ. ಅದಕ್ಕೆ ನೀರು ತಾಗಿದರೆ ಸ್ಫೋಟ. ಅದಕ್ಕೇ ಲಿಕ್ಕರಿನಲ್ಲಿ ಗಟ್ಟಿ ಅಂಶ ನೂರಕ್ಕೆ 58ಕ್ಕಿಂತ ಕೆಳಗಿಳಿದರೆ ಕುಲುಮೆಗೆ ಬಿಡಬಾರದು ಅನ್ನುವ ನಿಯಮ ಇದೆ. ಅಲಾರಂ ಹೊಡೆದಾಗ ಪುಸ್ತಕ ತೆರೆದು ನೋಡಲು ಸಮಯ ಇರುವುದಿಲ್ಲ. ಇಂಥ ಕೆಲಸಕ್ಕೆ ಸಿಮ್ಯುಲೇಟರ್ ಬೇಕು. ಕಂಪ್ಯೂಟರಿನಲ್ಲೇ ಅಪಾಯ ಹುಟ್ಟಿಸಿ, ಮತ್ತೆ ಮತ್ತೆ ಅಭ್ಯಾಸ ಮಾಡಿಸಬೇಕು. ದುಡ್ಡು ಉಳಿಸಬೇಕಾದ ಜಾಗ ಇದಲ್ಲ.

ಇನ್ನೊಂದು, ಟ್ಯಾಂಕ್ ಸ್ವಚ್ಛ ಮಾಡುವ ಕೆಲಸ. ಈ ಮಾತನ್ನು ದಯವಿಟ್ಟು ಗಮನವಿಟ್ಟು ಕೇಳಿ. ಪಲ್ಪ್ ಕೊಳೆತ ಟ್ಯಾಂಕಿನಲ್ಲಿ, ಕೊಳಚೆ ನೀರಿನ ಗುಂಡಿಯಲ್ಲಿ ಹೈಡ್ರೋಜನ್ ಸಲ್ಫೈಡ್ ಅನಿಲ ತುಂಬಿಕೊಳ್ಳುತ್ತದೆ. ಸ್ವಲ್ಪ ಇದ್ದಾಗ ಕೊಳೆತ ಮೊಟ್ಟೆಯ ವಾಸನೆ ಬರುತ್ತದೆ. ಜಾಸ್ತಿಯಾದಾಗ ಮೂಗಿಗೆ ವಾಸನೆಯೇ ತಿಳಿಯುವುದಿಲ್ಲ. ವಾಸನೆ ಹೋಯಿತು, ಇನ್ನು ಇಳಿಯಬಹುದು ಅಂದುಕೊಂಡವನು ಮೇಲೆ ಬರುವುದಿಲ್ಲ. ಅವನನ್ನು ಎತ್ತಲು ಹಾಗೆಯೇ ಇಳಿದವನೂ ಬರುವುದಿಲ್ಲ. ಈ ಕೆಲಸಕ್ಕೆ ಇಳಿಸುವುದು ಬಹುಪಾಲು ಗುತ್ತಿಗೆ ಕಾರ್ಮಿಕರನ್ನು. ತರಬೇತಿಯ ಪಟ್ಟಿಯಲ್ಲಿ ಇರದವರೂ ಬಹುಪಾಲು ಅವರೇ. ಇದು ಅನ್ಯಾಯ. ಗ್ಯಾಸ್ ಮೀಟರ್ ಹಿಡಿಯುವುದು, ಪರ್ಮಿಟ್ ಓದುವುದು, ಹಗ್ಗ ಕಟ್ಟಿಕೊಂಡೇ ಇಳಿಯುವುದು, ಮೇಲೊಬ್ಬ ಕಾವಲು ಇಲ್ಲದೆ ಇಳಿಯಲ್ಲ ಅಂತ ಧೈರ್ಯವಾಗಿ ಹೇಳುವುದು ಇವೆಲ್ಲ ಅವರಿಗೆ ಮೊದಲ ದಿನವೇ ತಿಳಿಯಬೇಕು.

ಇನ್ನು ಭದ್ರಾವತಿಯ ಕಡೆಗೆ ಬರುತ್ತೇನೆ. ಎಂಪಿಎಂ ನಿಂತ ಮೇಲೆ ಬಹಳ ಮಂದಿ ಸ್ವಯಂ ನಿವೃತ್ತಿ ತೆಗೆದುಕೊಂಡು ಹೊರಗೆ ಬಂದರು. ಅಂಥ ಹೊತ್ತಿನಲ್ಲಿ ಯಾವ ಕೆಲಸಗಾರನಿಗೆ ಹೊರಗೆ ಬೇಡಿಕೆ ಇರುತ್ತದೆ? ಬಾಯ್ಲರ್ ಅಟೆಂಡೆಂಟ್ ಸರ್ಟಿಫಿಕೇಟ್ ಇದ್ದವನು ಸಕ್ಕರೆ ಕಾರ್ಖಾನೆಗೆ ಹೋಗಬಹುದು. ಇನ್‌ಸ್ಟ್ರುಮೆಂಟ್ ಮೆಕ್ಯಾನಿಕ್ ಔಷಧದ ಕಾರ್ಖಾನೆಗೆ ಹೋಗಬಹುದು. ಎಲೆಕ್ಟ್ರಿಷಿಯನ್, ಫಿಟ್ಟರ್, ವೆಲ್ಡರಿಗೆ ಎಲ್ಲಾದರೂ ದಾರಿ ಇದೆ. ಮೆಷಿನ್‌ಮ್ಯಾನ್? ಮಿಲ್ಲಿನಲ್ಲಿ ಎಲ್ಲರೂ ಮರ್ಯಾದೆ ಕೊಡುತ್ತಿದ್ದ, ಡ್ರೈ ಲೈನ್ ಓದುತ್ತಿದ್ದ ಆ ಮನುಷ್ಯ ಇನ್ನೊಂದು ಕಾಗದದ ಮೆಷಿನ್ ಹುಡುಕಿಕೊಂಡು ಊರನ್ನೇ ಬಿಡಬೇಕು. ಐವತ್ತು ದಾಟಿದ, ಮನೆ ಕಟ್ಟಿದ, ಮಗಳನ್ನು ಅಲ್ಲೇ ಕಾಲೇಜಿಗೆ ಸೇರಿಸಿದ ಮನುಷ್ಯ ಎಲ್ಲಿಗೆ ಹೋಗಬೇಕು? ತನ್ನ ಕೆಲಸದಲ್ಲಿ ಎಲ್ಲರಿಗಿಂತ ಪಳಗಿದವನೇ ಎಲ್ಲರಿಗಿಂತ ಜಾಸ್ತಿ ಸಿಕ್ಕಿಹಾಕಿಕೊಳ್ಳುತ್ತಾನೆ.

ಹಾಗಾಗಿ ಎರಡನೇ ಕೆಲಸವನ್ನು ಮಿಲ್ಲು ಚೆನ್ನಾಗಿ ನಡೆಯುತ್ತಿರುವಾಗಲೇ ಕಲಿಸಬೇಕು. ಮೆಷಿನ್‌ಮ್ಯಾನಿಗೆ ಹೈಡ್ರಾಲಿಕ್ಸ್ ಕಲಿಸಿ. ಪಲ್ಪ್ ಮಿಲ್ಲಿನವನಿಗೆ ಕೊಳಚೆ ನೀರು ಶುದ್ಧ ಮಾಡುವ ಘಟಕದ ಕೆಲಸ ಕಲಿಸಿ, ಅದಕ್ಕೆ ಎಲ್ಲ ದೊಡ್ಡ ಕಾರ್ಖಾನೆಗಳಲ್ಲೂ ಬೇಡಿಕೆ ಇದೆ. ಬೇರಿಂಗಿನ ಕಂಪನ ಅಳೆದು ಅದು ಹಾಳಾಗುವ ಮುಂಚೆಯೇ ಹೇಳುವ ವಿದ್ಯೆ ಈಗ ಎಲ್ಲ ಕಡೆ ಬೇಕು. ಡ್ರೈಯರಿನ ಸದ್ದು ಕೇಳಿಯೇ ತೊಂದರೆ ಗುರುತಿಸುವವನಿಗೆ ಆ ಉಪಕರಣ ಕಲಿಯುವುದು ಕಷ್ಟವಲ್ಲ. ಮಿಲ್ಲಿಗೂ ಇದರಿಂದ ಲಾಭ, ಒಬ್ಬ ರಜೆ ಹಾಕಿದರೆ ಇನ್ನೊಬ್ಬ ಇರುತ್ತಾನೆ.

ಈ ವಿಷಯದಲ್ಲಿ ಕಾನೂನು ಒಂದು ಹೆಜ್ಜೆ ಇಟ್ಟಿದೆ. 2020ರ ಕೈಗಾರಿಕಾ ಸಂಬಂಧ ಸಂಹಿತೆ 2025ರ ನವೆಂಬರ್ 21ರಿಂದ ಜಾರಿಗೆ ಬಂದಿದೆ. ಅದರಲ್ಲಿ ಕೆಲಸಗಾರರ ಮರು ಕೌಶಲ ನಿಧಿ ಅಂತ ಇದೆ. ಹೆಚ್ಚುವರಿ ಅಂತ ಕೆಲಸದಿಂದ ತೆಗೆದ ಪ್ರತಿಯೊಬ್ಬನ ಕೊನೆಯ ಸಂಬಳದ ಲೆಕ್ಕದಲ್ಲಿ 15 ದಿನದ ಹಣವನ್ನು ಮಾಲೀಕರು ಕಟ್ಟಬೇಕು. 45 ದಿನದೊಳಗೆ ಅದು ಕೆಲಸಗಾರನ ಖಾತೆಗೆ ಸೇರಬೇಕು. ಆದದ್ದು ಒಳ್ಳೆಯದೇ. ಆದರೆ 15 ದಿನದ ಸಂಬಳದಲ್ಲಿ ಹೊಸ ಕಸುಬು ಕಲಿಯಲು ಆಗುತ್ತದಾ? ಆ ತಿಂಗಳ ದಿನಸಿ, ಸಾಲದ ಕಂತಿಗೇ ಅದು ಹೋಗಿಬಿಡುತ್ತದೆ. ಸ್ವಯಂ ನಿವೃತ್ತಿ ತೆಗೆದುಕೊಂಡವರು ಇದರೊಳಗೆ ಬರುವುದೂ ಇಲ್ಲ. ವಿಆರ್‌ಎಸ್ ಅರ್ಜಿಗೆ ಸಹಿ ಹಾಕುವವರು ಇದನ್ನು ಮೊದಲೇ ತಿಳಿದಿರಬೇಕು.

ಐಟಿಐ ಓದುತ್ತಿರುವ ಮಕ್ಕಳಿಗೆ ಒಂದು ಮಾತು. ಸಿಬ್ಬಂದಿ 30 ಅಥವಾ ಅದಕ್ಕಿಂತ ಜಾಸ್ತಿ ಇರುವ ಸಂಸ್ಥೆ ಅಪ್ರೆಂಟಿಸ್‌ಗಳನ್ನು ತೆಗೆದುಕೊಳ್ಳಲೇಬೇಕು. ಒಟ್ಟು ಸಿಬ್ಬಂದಿಯಲ್ಲಿ ನೂರಕ್ಕೆ ಎರಡೂವರೆಯಿಂದ 15ರವರೆಗೆ ಅಂತ ನಿಯಮ. ಕಾಗದದ ಮಿಲ್ಲಿಗೆ ಹೋಗುವವರು ಇನ್‌ಸ್ಟ್ರುಮೆಂಟ್ ಮೆಕ್ಯಾನಿಕ್ ಟ್ರೇಡ್ ಕಡೆ ಒಮ್ಮೆ ನೋಡಿ. ಪತ್ರಿಕೆಯ ಕಾಗದ ಕಡಿಮೆಯಾದರೂ ಡಬ್ಬದ ರಟ್ಟಿಗೆ, ಕಾಗದದ ಚೀಲಕ್ಕೆ ಬೇಡಿಕೆ ಇದೆ. 2022ರ ಜುಲೈ 1ರಿಂದ ಒಮ್ಮೆ ಬಳಸಿ ಎಸೆಯುವ ಪ್ಲಾಸ್ಟಿಕ್ಕಿನ ಹಲವು ಸಾಮಾನುಗಳಿಗೆ ನಿಷೇಧ ಬಂದಿದೆ. ನಂಜನಗೂಡಿನ ಕಡೆಯ ಸೌತ್ ಇಂಡಿಯಾ ಪೇಪರ್ ಮಿಲ್ಸಿನಂಥವರು ರದ್ದಿಯಿಂದಲೇ ಪ್ಯಾಕಿಂಗ್ ಕಾಗದ ಮಾಡುತ್ತಾರೆ. ರದ್ದಿಯಲ್ಲಿ ಪಿನ್ನು, ಅಂಟು, ಪ್ಲಾಸ್ಟಿಕ್ ಎಲ್ಲ ಬರುತ್ತದೆ. ಅದನ್ನು ಬೇರ್ಪಡಿಸುವುದೇ ಬೇರೆ ವಿದ್ಯೆ. ಬಿದಿರು, ನೀಲಗಿರಿ ಬೇಯಿಸಿ ಪಳಗಿದವರೂ ಅದನ್ನು ಹೊಸದಾಗಿ ಕಲಿಯಬೇಕು.

ಕೊನೆಯದಾಗಿ, ವೇತನ ಒಪ್ಪಂದದ ಮಾತುಕತೆಗೆ ಕೂರುವ ಯೂನಿಯನ್ ಮುಖಂಡರಲ್ಲಿ ನನ್ನದೊಂದು ಕೇಳಿಕೆ. ಬೋನಸ್ಸು, ಡಿಎ, ಕ್ಯಾಂಟೀನಿನ ಜೊತೆಗೆ ತರಬೇತಿಯ ಗಂಟೆಗಳನ್ನೂ ಒಪ್ಪಂದದಲ್ಲಿ ಬರೆಸಿ. ವರ್ಷಕ್ಕೆ ತಲೆಗೆ ಇಷ್ಟು ಗಂಟೆ, ಸಂಬಳ ಸಹಿತ, ಶಿಫ್ಟಿನ ಒಳಗೆ, ಕನ್ನಡದಲ್ಲಿ, ಕೊನೆಗೆ ಹೊರಗೂ ನಡೆಯುವ ಸರ್ಟಿಫಿಕೇಟು. ಗುತ್ತಿಗೆಯವರ ಹೆಸರೂ ಅದೇ ಪಟ್ಟಿಯಲ್ಲಿ ಇರಲಿ. ಅಧಿಕಾರಿಗಳು ಗಂಟೆ ಕಡಿಮೆ ಮಾಡಿ ಅಂದರೆ, ಹಾಳೆ ಕಟ್ ಆಗಿ ಹೋದ ತಿಂಗಳು ಎಷ್ಟು ಹೊತ್ತು ಮೆಷಿನ್ ನಿಂತಿತ್ತು ಅಂತ ಲಾಗ್‌ಬುಕ್ ತೆರೆದು ತೋರಿಸಿ, ಅಲ್ಲಿಂದ ಮಾತು ಶುರು ಮಾಡಿ.

ನಮಸ್ಕಾರ.