ವೇಲ್ಸ್‌ನ ಊಟ: ಮೊದಲು ಒಲೆ ನೋಡಿ

ಕೇಳುಗರೆಲ್ಲರಿಗೂ ನಮಸ್ಕಾರ.

ನಿಮ್ಮಲ್ಲಿ ಅರ್ಧ ಜನ ಈಗ ಅಡುಗೆಮನೆಯಲ್ಲೇ ಇದ್ದೀರಿ ಅಂತ ನನಗೆ ಗೊತ್ತು. ಒಳ್ಳೆಯದೇ ಆಯಿತು. ಕೈ ಕೆಲಸ ನಡೆಯಲಿ, ಕಿವಿ ಮಾತ್ರ ಈ ಕಡೆ ಕೊಡಿ.

ಇವತ್ತಿನ ವಿಷಯ ವೇಲ್ಸ್ ನಾಡಿನ ಊಟ. ಇಂಗ್ಲೆಂಡಿನ ಪಶ್ಚಿಮಕ್ಕೆ ಅಂಟಿಕೊಂಡಿರುವ ಗುಡ್ಡಗಾಡು ಅದು. ಮೂರು ಕಡೆ ಸಮುದ್ರ, ವರ್ಷದ ಬಹುಪಾಲು ಮಳೆ, ಸುಮಾರು 30 ಲಕ್ಷ ಜನ. ದಯವಿಟ್ಟು ಅದನ್ನು ಇಂಗ್ಲೆಂಡ್ ಅನ್ನಬೇಡಿ. ಅಲ್ಲಿಯವರ ಮುಂದೆ ಹಾಗೆ ಅಂದರೆ ನಿಮಗೆ ಊಟ ಸಿಗುವುದೇ ಕಷ್ಟ.

ನಾನು ಹೇಳಬೇಕಾದ್ದು ಒಂದೇ ಮಾತು. ವೇಲ್ಸ್‌ನ ಅಡುಗೆ ಅರ್ಥವಾಗಬೇಕಾದರೆ ಮೊದಲು ಒಲೆ ನೋಡಿ. ಏನು ಹಾಕಬೇಕು, ಎಷ್ಟು ಹಾಕಬೇಕು ಅನ್ನುವುದೆಲ್ಲ ಆಮೇಲೆ.

ಹಳೆಯ ಕಾಲದ ಹಳ್ಳಿಮನೆಯಲ್ಲಿ ಏನಿತ್ತು? ಒಂದು ಗೋಡೆಗೆ ಬೆಂಕಿಗೂಡು. ಸರಪಳಿಯಲ್ಲಿ ತೂಗಿಬಿಟ್ಟ ಕಬ್ಬಿಣದ ಕೊಪ್ಪರಿಗೆ. ಪಕ್ಕದಲ್ಲಿ ಒಂದು ದಪ್ಪ ಕಾವಲಿ. ಮುಗಿಯಿತು. ಬಡವರ ಮನೆಯಲ್ಲಿ ಓವನ್ ಎಲ್ಲಿಂದ ಬರಬೇಕು? ಬ್ರೆಡ್ ಸುಡಬೇಕಾದರೆ ಕೊಪ್ಪರಿಗೆಯ ಮುಚ್ಚಳದ ಮೇಲೆ ಕೆಂಡ ಹೇರಿ ಸುಡುತ್ತಿದ್ದರು. ಹಾಗಾಗಿ ಅಲ್ಲಿಯ ಹಳೆಯ ತಿಂಡಿ ಊಟ ಯಾವುದನ್ನೇ ಹಿಡಿದು ನೋಡಿ. ಒಂದೋ ಕೊಪ್ಪರಿಗೆಯಲ್ಲಿ ಬೆಂದದ್ದು, ಇಲ್ಲ ಕಾವಲಿ ಮೇಲೆ ಸುಟ್ಟದ್ದು.

ಗುಡ್ಡದ ತೇವಕ್ಕೆ ಗೋಧಿ ಸರಿಯಾಗಿ ಬರುವುದಿಲ್ಲ. ಓಟ್ಸ್ ಬರುತ್ತದೆ, ಬಾರ್ಲಿ ಬರುತ್ತದೆ. ಓಟ್ಸ್ ಹಿಟ್ಟನ್ನು ತೆಳ್ಳಗೆ ತಟ್ಟಿ ಕಾವಲಿ ಮೇಲೆ ಒಣಗಿಸಿಟ್ಟರೆ ತಿಂಗಳುಗಟ್ಟಲೆ ಇರುತ್ತದೆ. ಹಸಿವಾದಾಗ ಅದನ್ನು ಪುಡಿ ಮಾಡಿ ಮಜ್ಜಿಗೆಗೆ ಹಾಕಿ ಕುಡಿಯುತ್ತಿದ್ದರು. ಹೆಸರು ಶೊಟ್. ನಮ್ಮ ರಾಗಿ ಅಂಬಲಿ ಕುಡಿದವರಿಗೆ ನಾನು ಹೆಚ್ಚು ವಿವರಿಸಬೇಕಾಗಿಲ್ಲ.

ಕೊಪ್ಪರಿಗೆಯ ರಾಜ ಕೌಲ್. ಅದೇ ಅವರ ನಾಡ ಊಟ. ಕುರಿ ಮಾಂಸ ಅಥವಾ ಉಪ್ಪಿನಲ್ಲಿಟ್ಟ ಹಂದಿ ಮಾಂಸ, ಆಲೂಗಡ್ಡೆ, ಕ್ಯಾರೆಟ್, ಗಡ್ಡೆ ಗೆಣಸು ಎಲ್ಲ ನೀರಿಗೆ ಹಾಕಿ ಸಣ್ಣ ಉರಿಯಲ್ಲಿ ಬಿಟ್ಟುಬಿಡುವುದು. ಇಳಿಸುವ ಹೊತ್ತಿಗೆ ಲೀಕ್, ಅಂದರೆ ಈರುಳ್ಳಿ ಜಾತಿಯ ಒಂದು ತರಕಾರಿ. ಮೊದಲು ತಿಳಿ ಕುಡಿದು, ಆಮೇಲೆ ಮಾಂಸ ತರಕಾರಿ ತಿನ್ನುವ ಮನೆಗಳೂ ಇದ್ದವು. ಬಟ್ಟಲು ಮರದ್ದು, ಚಮಚವೂ ಮರದ್ದೇ. ಕುದಿಯುವ ತಿಳಿಗೆ ಲೋಹದ ಚಮಚ ಇಟ್ಟರೆ ತುಟಿ ಸುಡುತ್ತದೆ, ಅಲ್ವಾ? ಮಾರ್ಚ್ 1, ವೇಲ್ಸ್ ನಾಡಿನ ಕಾವಲು ಸಂತ ಡೇವಿಡ್‌ನ ದಿನ, ಮನೆಮನೆಯಲ್ಲೂ ಶಾಲೆಗಳಲ್ಲೂ ಕೌಲ್ ಕುದಿಯುತ್ತದೆ. ಮಾಡಿದ ದಿನಕ್ಕಿಂತ ಮರುದಿನ ಬಿಸಿ ಮಾಡಿದ್ದೇ ರುಚಿ ಅಂತ ಅಲ್ಲಿ ಎಲ್ಲರೂ ಹೇಳುತ್ತಾರೆ. ಹೌದು, ಅದೇ ರುಚಿ.

ಈಗ ಕಾವಲಿ. ವೆಲ್ಷ್ ಕೇಕ್ ಅಂತ ಕೇಳಿರುತ್ತೀರಿ. ಹಿಟ್ಟು, ಬೆಣ್ಣೆ, ಸಕ್ಕರೆ, ಮೊಟ್ಟೆ, ಒಣದ್ರಾಕ್ಷಿ. ದುಂಡಗೆ ಕತ್ತರಿಸಿ ಕಾವಲಿ ಮೇಲೆ ಎರಡೂ ಕಡೆ ಕೆಂಪಗೆ ಸುಡುವುದು. ಕಲ್ಲಿದ್ದಲು ಗಣಿಗೆ ಹೋಗುವವರು ಇದನ್ನು ಜೇಬಿನಲ್ಲಿ ಹಾಕಿಕೊಂಡು ಹೋಗುತ್ತಿದ್ದರು. ಓವನ್‌ನಲ್ಲಿ ಮಾಡಬಹುದಾ ಅಂತ ಪ್ರತಿ ಸಲ ಯಾರಾದರೂ ಕೇಳುತ್ತಾರೆ. ಮಾಡಬಹುದು. ಆದರೆ ಅದು ವೆಲ್ಷ್ ಕೇಕ್ ಅಲ್ಲ, ಬಿಸ್ಕತ್ತು. ಒಲೆ ನೋಡಿ ಅಂತ ನಾನು ಸುಮ್ನೆ ಹೇಳುತ್ತಿಲ್ಲ.

ಇನ್ನು ಸುಟ್ಟ ಚೀಸ್. ಅವರ ಮಾತಿನಲ್ಲಿ ಕೌಸ್ ಪೊಬಿ. ಇದರ ಬಗ್ಗೆ ನನಗೆ ತುಂಬಾ ಇಷ್ಟವಾದ ಒಂದು ಕತೆಯಿದೆ. 1526ರಲ್ಲಿ ಲಂಡನ್‌ನಲ್ಲಿ ಅಚ್ಚಾದ ಒಂದು ನಗೆಕತೆಗಳ ಪುಸ್ತಕದಲ್ಲಿ ಬರುತ್ತದೆ.

ಸ್ವರ್ಗದಲ್ಲಿ ವೇಲ್ಸ್‌ನವರು ಜಾಸ್ತಿಯಾಗಿಬಿಟ್ಟರಂತೆ. ಬಾಯಿ ಮುಚ್ಚಿ ಕೂರುವ ಜನವಲ್ಲ ಅವರು. ಹೊತ್ತು ಗೊತ್ತಿಲ್ಲದೆ ವಟವಟ ವಟವಟ. ಉಳಿದವರಿಗೆ ತಲೆ ಚಿಟ್ಟು ಹಿಡಿದುಹೋಯಿತು. ಕೊನೆಗೆ ದೇವರಿಗೇ ಸಾಕಾಯಿತು. ಬಾಗಿಲು ಕಾಯುವ ಸಂತ ಪೀಟರ್‌ನನ್ನು ಕರೆದ. ಇವರನ್ನು ಹೇಗಾದರೂ ಹೊರಗೆ ಕಳಿಸಪ್ಪ ಅಂದ. ಅಷ್ಟೇ ತಾನೇ, ನನಗೆ ಬಿಡಿ ಅಂದ ಪೀಟರ್. ಅವನೇನು ಬೈಯಲಿಲ್ಲ, ಕತ್ತು ಹಿಡಿದು ದಬ್ಬಲೂ ಇಲ್ಲ. ನಿಧಾನವಾಗಿ ಬಾಗಿಲು ತೆಗೆದು ಹೊರಗೆ ಹೋದ. ಅಲ್ಲಿ ನಿಂತು ಗಟ್ಟಿಯಾಗಿ ಕೂಗಿದ: ಕೌಸ್ ಪೊಬಿ! ಸುಟ್ಟ ಚೀಸ್! ಅಷ್ಟು ಸಾಕಾಯಿತು. ವೇಲ್ಸ್‌ನವರೆಲ್ಲ ಎದ್ದರು, ಬಿದ್ದರು, ಒಬ್ಬರ ಮೇಲೊಬ್ಬರು ಬಿದ್ದು ಹೊರಗೆ ಓಡಿದರು. ಕೊನೆಯವನೂ ಹೊಸಿಲು ದಾಟಿದ. ಪೀಟರ್ ಸರಕ್ಕನೆ ಒಳಗೆ ಬಂದು ಬಾಗಿಲು ಹಾಕಿ ಬೀಗ ಜಡಿದ.

ಇಂಗ್ಲಿಷರು ಅವರನ್ನು ಹಂಗಿಸಲು ಕಟ್ಟಿದ ಕತೆ ಇದು, ಅದು ಸ್ಪಷ್ಟ. ಆದರೆ ಹಂಗಿಸುವ ಭರದಲ್ಲಿ ಒಂದು ನಿಜ ಬಾಯಿಬಿಟ್ಟಿದ್ದಾರೆ. 500 ವರ್ಷದ ಹಿಂದೆಯೇ ಸುಟ್ಟ ಚೀಸ್ ಅಂದರೆ ವೇಲ್ಸ್ ಅಂತ ಲಂಡನ್‌ಗೂ ಗೊತ್ತಿತ್ತು. ಅದಕ್ಕೆ ಬೇಕಾದದ್ದೇನು? ಕೆಂಡದ ಮುಂದೆ ಹಿಡಿಯಲು ಒಂದು ತುಂಡು ಚೀಸ್. ಬಿಯರ್, ಸಾಸಿವೆ ಹಾಕಿ ಕರಗಿಸಿ ಬ್ರೆಡ್ ಮೇಲೆ ಸುರಿದು ಹೋಟೆಲ್‌ಗಳಲ್ಲಿ ಕೊಡುತ್ತಾರಲ್ಲ, ಅದು ಆಮೇಲೆ ಬಂದ ಸಿಂಗಾರ.

ಓಹೋ, ಗಾಜಿನಾಚೆಯಿಂದ ಗಡಿಯಾರ ತೋರಿಸುತ್ತಿದ್ದಾರೆ. ನನ್ನ ಸಮಯವನ್ನೆಲ್ಲ ಪೀಟರ್ ತಿಂದುಬಿಟ್ಟ. ಉಳಿದದ್ದನ್ನು ಓಡಿಸುತ್ತೇನೆ.

ಲೇವರ್ ಬ್ರೆಡ್ ಅಂದರೆ ಕಡಲ ಬಂಡೆಯ ಪಾಚಿ. ಮರಳು ಹೋಗುವವರೆಗೆ ತೊಳೆದು, ಗಂಟೆಗಟ್ಟಲೆ ಬೇಯಿಸಿ, ಆ ಕಪ್ಪು ಮುದ್ದೆಯನ್ನು ಓಟ್ಸ್‌ನಲ್ಲಿ ಹೊರಳಿಸಿ ಬೇಕನ್ ಕೊಬ್ಬಿನಲ್ಲಿ ಹುರಿಯುತ್ತಾರೆ. ಜೊತೆಗೆ ಕಾಕಲ್ ಎಂಬ ಪುಟ್ಟ ಚಿಪ್ಪಿನ ಮಾಂಸ. ಪೆನ್‌ಕ್ಲೌದ್ ಊರಿನ ಹೆಂಗಸರು ಇಳಿತದ ಹೊತ್ತಿಗೆ ಕತ್ತೆಗಳ ಜೊತೆ ಮರಳಿಗಿಳಿದು ಅದನ್ನು ಬಾಚಿ ತರುತ್ತಿದ್ದರು. ಬೇಯಿಸಿ, ಬುಟ್ಟಿ ತಲೆ ಮೇಲಿಟ್ಟು ಬರಿಗಾಲಲ್ಲಿ ಸ್ವಾನ್‌ಸೀ ಮಾರ್ಕೆಟ್‌ಗೆ ನಡೆಯುತ್ತಿದ್ದರು. ಪೇಟೆ ಹತ್ತಿರವಾದಾಗ ಓಲ್ಕ್‌ವಾ ಹೊಳೆಯಲ್ಲಿ ಕಾಲು ತೊಳೆದು ಬೂಟು ಹಾಕಿಕೊಳ್ಳುವುದು ರೂಢಿ. ಆ ಮಾರ್ಕೆಟ್‌ನಲ್ಲಿ ಇವೆರಡೂ ಈಗಲೂ ಸಿಗುತ್ತವೆ. ಈ ಹೆಂಗಸರ ಬಗ್ಗೆಯೇ ಒಂದು ಭಾಷಣ ಮಾಡಬಹುದಿತ್ತು, ಇರಲಿ.

ಬಾರಾ ಬ್ರಿತ್, ಟೀಯಲ್ಲಿ ನೆನೆಸಿದ ಒಣಹಣ್ಣಿನ ಬ್ರೆಡ್. ಬೆಣ್ಣೆ ಹಚ್ಚಿ ತಿನ್ನಿ. 1865ರಲ್ಲಿ ಮಿಮೋಸಾ ಹಡಗಿನಲ್ಲಿ ಅರ್ಜೆಂಟೀನಾದ ಪಟಗೋನಿಯಾಕ್ಕೆ ಹೋದ ವೇಲ್ಸ್‌ನವರ ಮಕ್ಕಳು ಮೊಮ್ಮಕ್ಕಳು ಅಲ್ಲೂ ಒಂದು ಕಪ್ಪು ಹಣ್ಣಿನ ಕೇಕ್ ಮಾಡುತ್ತಾರೆ. ಅಲ್ಲಿನ ಗೈಮನ್ ಪಟ್ಟಣದ ಟೀ ಅಂಗಡಿಗಳಲ್ಲಿ ಸಿಗುತ್ತದೆ.

ಕೊನೆಯದು ಸಸ್ಯಾಹಾರಿಗಳಿಗೆ, ಯಾಕೆಂದರೆ ಆಗಲೇ ನೀವು ರೇಡಿಯೋ ಆರಿಸುವ ಯೋಚನೆಯಲ್ಲಿದ್ದೀರಿ. ಗ್ಲಾಮೋರ್ಗನ್ ಸಾಸೇಜ್‌ನಲ್ಲಿ ಮಾಂಸವಿಲ್ಲ. ಕೇರ್‌ಫಿಲಿ ಎಂಬ ಅಲ್ಲಿಯದೇ ಚೀಸ್ ತುರಿದದ್ದು, ಸಣ್ಣಗೆ ಹೆಚ್ಚಿದ ಲೀಕ್, ಬ್ರೆಡ್ ಪುಡಿ, ಸ್ವಲ್ಪ ಸಾಸಿವೆ. ಮೊಟ್ಟೆಯಲ್ಲಿ ಕಲಸಿ, ಬೆರಳುದ್ದ ಉಂಡೆ ಕಟ್ಟಿ, ಮತ್ತೆ ಬ್ರೆಡ್ ಪುಡಿಯಲ್ಲಿ ಹೊರಳಿಸಿ ಬಾಣಲೆಯಲ್ಲಿ ಕೆಂಪಗೆ ಹುರಿಯಿರಿ. ಮೊಟ್ಟೆ ಬೇಡದವರು ಮೈದಾ ಕಲಸಿದ ನೀರು ಹಾಕಿ. ಲೀಕ್ ಸಿಗದಿದ್ದರೆ ಈರುಳ್ಳಿ ಸೊಪ್ಪು ನಡೆಯುತ್ತದೆ. ಹಸಿಮೆಣಸಿನಕಾಯಿ, ಗರಂ ಮಸಾಲಾ ಮಾತ್ರ ಹಾಕಬೇಡಿ. ಹಾಕುತ್ತೀರಿ ಅಂತ ಗೊತ್ತು, ಆದರೂ ಮೊದಲ ಸಲವಾದರೂ ಹಾಕಬೇಡಿ.

ನಮಸ್ಕಾರ.