ದೆವ್ವದ ಕಥೆಗೂ ಒಂದು ಕಪಾಟು

ಅಧ್ಯಕ್ಷರೇ, ಗ್ರಂಥಪಾಲಕ ಮಿತ್ರರೇ, ಮುಂದಿನ ಸಾಲಲ್ಲಿ ಕೂತಿರುವ ಮಕ್ಕಳೇ,

ಗ್ರಂಥಾಲಯ ಸಪ್ತಾಹ ಅಂದಮೇಲೆ ಓದಿನ ಮಹತ್ವ ಹೇಳುವುದು ರೂಢಿ. ಅದು ಗೊತ್ತಿರುವವರೇ ಇಲ್ಲಿ ಕೂತಿದ್ದೀರಿ, ಬಿಡೋಣ. ನಾನು ಬಂದಿರುವುದು ಒಂದು ತಕರಾರು ಹೊತ್ತು. ದಾವಣಗೆರೆ ಸುತ್ತಮುತ್ತಲ ಹಳ್ಳಿಗಳ ಗ್ರಂಥಾಲಯಗಳಿಗೆ ಹೋದಾಗಲೆಲ್ಲ ಈ ಮಾತು ಕೇಳುತ್ತೇನೆ: "ಸರ್, ಹುಡುಗ್ರು ಬರೀ ದೆವ್ವದ ಪುಸ್ತಕ ಕೇಳ್ತಾರೆ. ನಾವು ತರಿಸಲ್ಲ." ಯಾಕೆ ತರಿಸುವುದಿಲ್ಲ?

ಭಾರತದ ಗ್ರಂಥಾಲಯ ವಿಜ್ಞಾನದ ಪಿತಾಮಹ ಎಸ್. ಆರ್. ರಂಗನಾಥನ್ ನಮಗೆ ಹೊರಗಿನವರಲ್ಲ. ಕೊನೆಯ ವರ್ಷಗಳನ್ನು ಬೆಂಗಳೂರಿನಲ್ಲೇ ಕಳೆದವರು. 1931ರಲ್ಲಿ ಅವರು ಕೊಟ್ಟ ಐದು ಸೂತ್ರಗಳಲ್ಲಿ ಎರಡನೆಯದು, ಪ್ರತಿ ಓದುಗನಿಗೂ ಅವನ ಪುಸ್ತಕ. ಓದುಗ ಅಂದರು, ಅಷ್ಟೇ. ಗಂಭೀರ ಓದುಗ ಅನ್ನಲಿಲ್ಲ, ಹತ್ತನೇ ತರಗತಿ ಪಾಸಾದವನು ಅನ್ನಲಿಲ್ಲ. ನಮ್ಮ 1965ರ ಗ್ರಂಥಾಲಯ ಕಾಯ್ದೆಯಂತೂ ದುಡ್ಡಿನ ಲೆಕ್ಕವನ್ನೇ ಹೇಳುತ್ತದೆ. ಮನೆ ಕಂದಾಯದ ಮೇಲೆ ರೂಪಾಯಿಗೆ ಆರು ಪೈಸೆ ಗ್ರಂಥಾಲಯ ಕರ. ಮಂಡಕ್ಕಿ ಭಟ್ಟಿಯಲ್ಲಿ ಹೊಗೆ ಕುಡಿದು ದುಡಿಯುವವರ ಮನೆಯಿಂದಲೂ ಆ ಪೈಸೆ ಬರುತ್ತದೆ. ಅವರ ಮಗ ಬಂದು ದೆವ್ವದ ಕಥೆ ಕೇಳಿದರೆ, ಅವನ ಪುಸ್ತಕವನ್ನೇ ಅವನು ಕೇಳುತ್ತಿದ್ದಾನೆ.

ಜಗಳೂರು ಕಡೆಯ ಒಂದು ಹಳ್ಳಿಯಲ್ಲಿ ನಡೆದದ್ದು ಹೇಳಬೇಕು. ನನ್ನ ಜೊತೆ ಓಡಾಡುವವರು ಇದನ್ನು ಎಷ್ಟು ಸಲ ಕೇಳಿದ್ದಾರೋ, ಇವತ್ತೂ ಕೇಳಲಿ. ಪಂಚಾಯಿತಿ ಗ್ರಂಥಾಲಯ, ಶನಿವಾರ ಮಧ್ಯಾಹ್ನ. ಸರ್ಕಾರದ "ಓದುವ ಬೆಳಕು" ಕಾರ್ಯಕ್ರಮ ಬಂದಮೇಲೆ ಮಕ್ಕಳಿಗೆ ಸದಸ್ಯತ್ವ ಉಚಿತ, ಹಾಗಾಗಿ ಕೋಣೆ ತುಂಬಿತ್ತು. ಎಂಟನೇ ತರಗತಿಯ ಹುಡುಗಿಯೊಬ್ಬಳು ದೆವ್ವದ ಕಥೆಯನ್ನು ಗಟ್ಟಿಯಾಗಿ ಓದುತ್ತಿದ್ದಳು. ಚಿಕ್ಕವರೆಲ್ಲ ಒಬ್ಬರಿಗೊಬ್ಬರು ಒತ್ತಿಕೊಂಡು ಕೂತಿದ್ದರು. ಕಥೆಯಲ್ಲಿ ಬಿಳಿ ಸೀರೆಯವಳೊಬ್ಬಳು ದಾರಿಹೋಕರನ್ನು ತಡೆದು ಸುಣ್ಣ ಕೇಳುತ್ತಾಳೆ. ಅಷ್ಟರಲ್ಲಿ ಈರುಳ್ಳಿ ಹೊಲದಿಂದ ಬಂದ, ಓದುತ್ತಿದ್ದ ಹುಡುಗಿಯ ಅಜ್ಜಿ ಬಾಗಿಲಲ್ಲಿ ನಿಂತಿದ್ದವರು ತಡೆಯಲಾರದೆ ಅಂದರು: "ಸುಣ್ಣ ಕೇಳಲ್ಲ ಕಣವ್ವಾ ಆಕಿ. ಕೂಸು ಕೇಳ್ತಾಳೆ."

ಓದು ನಿಂತಿತು. "ಯಾರು, ಅಜ್ಜಿ?"

ಅಜ್ಜಿ ಹೊಸ್ತಿಲ ಮೇಲೆಯೇ ಕೂತರು. ಹಳ್ಳದ ದಿಬ್ಬದ ಹುಣಸೇಮರದಲ್ಲಿ ಒಂದು ದೆವ್ವ ಇದೆ ಅಂತ ಊರಿಗೆಲ್ಲ ಗೊತ್ತು. ಅದು ಅವರದೇ ಕೇರಿಯ ಸೊಸೆ. ಚೊಚ್ಚಲ ಹೆರಿಗೆ, ಎರಡು ದಿನ ನೋವು ತಿಂದಳು. ಸೂಲಗಿತ್ತಿ ಕೈಚೆಲ್ಲಿದಳು. ಗಾಡಿ ಕಟ್ಟಿದರು. ಹಳ್ಳ ಬಂದಿತ್ತು, ಎತ್ತು ನೀರಿಗೆ ಇಳಿಯಲಿಲ್ಲ. ಆಚೆ ದಡಕ್ಕೆ ಹೋಗಿದ್ದರೆ ದವಾಖಾನೆ. ಈಚೆ ದಡದಲ್ಲೇ, ಆ ಮರದ ಕೆಳಗೇ ಎರಡು ಜೀವ ಹೋದವು. "ನಾವು ಓರಗೆಯವ್ರು. ಒಂದೇ ವರ್ಷ ಮದ್ವೆ ಆಗಿದ್ದು," ಅಂದರು. ಊರವರು ಬಾಯಲ್ಲಿ ಹೇಳಲು ಹೆದರುವ ಆ ಹೆಸರನ್ನು ಆವತ್ತು ಹೇಳಿದರು. ಹುಡುಗಿ ಕೇಳಿದ ಮುಂದಿನ ಪ್ರಶ್ನೆ ಯಾವ ಸಂಶೋಧಕನಿಗೂ ಕಡಿಮೆಯಲ್ಲ: "ಅಜ್ಜಿ, ಹಳ್ಳಕ್ಕೆ ಸೇತುವೆ ಯಾವಾಗ ಕಟ್ಟಿದ್ರು?"

ಸಾಮಾಜಿಕ ಇತಿಹಾಸ ಅಂದರೆ ಇದೇ ಅಲ್ಲವೇ? ದೆವ್ವದ ಕಥೆಯಲ್ಲಿ ಸತ್ತವರು ಯಾರು ಅಂತ ಕೇಳಿ. ನಮ್ಮ ಊರುಗಳ ದೆವ್ವಗಳಲ್ಲಿ ಹೆಂಗಸರೇ ಯಾಕೆ ಹೆಚ್ಚು? ಬಾಣಂತಿಯರು, ಬಾವಿಗೆ ಬಿದ್ದ ಸೊಸೆಯಂದಿರು. ಗೌಡರ ದೆವ್ವ ಕಂಡವರು ಅಪರೂಪ! ಊರ ಹೊರಗಿನ ಯಾವ ದಿಬ್ಬದ ಬಳಿ ರಾತ್ರಿ ಓಡಾಡಬಾರದು ಅಂತಾರೆ, ಅಲ್ಲಿ ಯಾರನ್ನು ಹೂಳಿದ್ದರು? ಇಲ್ಲಿಂದ 1898ರ ಪ್ಲೇಗಿಗೆ ಹೋಗಬಹುದು, 1918ರ ಇನ್‌ಫ್ಲುಯೆಂಜಾ ಜ್ವರಕ್ಕೆ ಹೋಗಬಹುದು. ಧಾತು ಸಂವತ್ಸರದಲ್ಲಿ ಶುರುವಾದ 1876-78ರ ಬರಕ್ಕೂ ಹೋಗಬಹುದು. 1871ರಿಂದ 1881ರ ನಡುವೆ ಮೈಸೂರು ಸಂಸ್ಥಾನದ ಜನಸಂಖ್ಯೆ ಎಂಟು ಲಕ್ಷಕ್ಕೂ ಹೆಚ್ಚು ಕುಸಿಯಿತು. ಜನಗಣತಿ ಪುಸ್ತಕದಲ್ಲಿ ಅದೊಂದು ಅಂಕಿ. ದೆವ್ವದ ಕಥೆಯಲ್ಲಿ ಆ ಅಂಕಿಗೆ ಒಂದು ಮನೆ, ಒಂದು ಬಾವಿ ಸಿಗುತ್ತದೆ. ಅದಕ್ಕೇ ಹೇಳುತ್ತೇನೆ, ದೆವ್ವದ ಕಥೆ, ಇತಿಹಾಸ, ಈ ಎರಡು ಕಪಾಟುಗಳು ಅಕ್ಕಪಕ್ಕ ಇರಬೇಕು.

ಮೌಢ್ಯ ಬೆಳೆಯುತ್ತದೆ ಅಂತ ಹೆದರುವ ಮೇಷ್ಟರಿಗೆ ಗೌರವದಿಂದಲೇ ಉತ್ತರ ಕೊಡುತ್ತೇನೆ. ನಮ್ಮ ರಾಜ್ಯದ 2017ರ ಕಾಯ್ದೆ ನಿಷೇಧಿಸಿದ್ದು ದೆವ್ವ ಬಿಡಿಸುವ ನೆಪದಲ್ಲಿ ಹೊಡೆಯುವುದನ್ನು, ಹಿಂಸಿಸುವುದನ್ನು. ಕಥೆಯನ್ನಲ್ಲ. ಪುಸ್ತಕದ ದೆವ್ವವನ್ನು ಮಗು ಪುಟ ಮುಚ್ಚಿ ನಿಲ್ಲಿಸಬಲ್ಲದು, ಮತ್ತೆ ತೆರೆಯಬಲ್ಲದು. ಆ ಭಯದ ಹಿಡಿತ ಮಗುವಿನ ಕೈಯಲ್ಲೇ ಇರುತ್ತದೆ. ಬೇವಿನ ಬರಲು ಹಿಡಿದು ನಿಂತವನ ಮುಂದೆ ಆ ಹಿಡಿತ ಇರುವುದಿಲ್ಲ.

ಬರೆಯುವವರೂ ಇಲ್ಲಿದ್ದೀರಿ. ಹದಿಹರೆಯದವರಿಗೆ ನಮ್ಮ ನೆಲದ ದೆವ್ವದ ಕಥೆ ಬರೆದುಕೊಡಿ. ಹತ್ತಿ ಗಿರಣಿಗಳಿಂದ ಬೆಳೆದ ಊರು ನಮ್ಮ ದಾವಣಗೆರೆ, ಕರ್ನಾಟಕದ ಮ್ಯಾಂಚೆಸ್ಟರ್ ಅನ್ನಿಸಿಕೊಂಡಿದ್ದ ಊರು. ಮುಚ್ಚಿದ ಗಿರಣಿಗಿಂತ ಒಳ್ಳೆಯ ಭೂತಬಂಗಲೆ ಎಲ್ಲಿ ಸಿಗುತ್ತದೆ? ಆದರೆ ರಾತ್ರಿ ಪಾಳಿಯ ದೆವ್ವವನ್ನು ನಂಬಿಸಬೇಕಾದರೆ ಸೈರನ್ ಎಷ್ಟು ಹೊತ್ತಿಗೆ ಕೂಗುತ್ತಿತ್ತು, ನೂಲುವ ವಿಭಾಗದಲ್ಲಿ ಎಷ್ಟು ಸೆಕೆ, ಗಿರಣಿ ಮುಚ್ಚಿದ ದಿನ ಬಾಕಿ ಸಂಬಳ ಎಷ್ಟಿತ್ತು, ಎಲ್ಲ ತಿಳಿದಿರಬೇಕು. ಕಾರ್ಮಿಕ ಹೋರಾಟ ಕಟ್ಟಿ, ಮುಂದೆ ಶಾಸಕರೂ ಆದ ಪಂಪಾಪತಿಯವರ ಕಾಲ ತಿಳಿದಿರಬೇಕು. ಆ ಹಳೆಯ ಕಾರ್ಮಿಕರು ಇನ್ನೂ ನಮ್ಮ ಗಲ್ಲಿಗಳಲ್ಲಿದ್ದಾರೆ. ಹೋಗಿ ಮಾತಾಡಿಸಿ, ಈ ವರ್ಷವೇ ಹೋಗಿ.

ಅಧ್ಯಕ್ಷರು ಚೀಟಿ ಕಳಿಸಿದ್ದಾರೆ, ಐದು ನಿಮಿಷವಂತೆ. ಉಳಿದ ಓದುಗರ ಮಾತು ಬೇಗ ಹೇಳಿಬಿಡುತ್ತೇನೆ. ಬೆಳಗ್ಗೆ ಬಾಗಿಲು ತೆರೆಯುವ ಮೊದಲೇ ಬ್ಯಾಗು ಇಟ್ಟು ಜಾಗ ಹಿಡಿಯುವ ಪಿಡಿಒ, ಎಫ್‌ಡಿಎ ಥರದ ಸರ್ಕಾರಿ ನೌಕರಿ ಪರೀಕ್ಷೆಯ ಹುಡುಗ ಹುಡುಗಿಯರು. ಅವರೂ ಓದುಗರೇ, ಅವರಿಗೆ ಬೇರೆ ಕೋಣೆ ಬೇಕು. ಲಂಬಾಣಿ ಸಮುದಾಯದ ಗುರು ಸೇವಾಲಾಲರ ಕ್ಷೇತ್ರ ಸೂರಗೊಂಡನಕೊಪ್ಪ ನಮ್ಮ ಜಿಲ್ಲೆಯಲ್ಲೇ ಇದೆ. ತಾಂಡಾದ ಮಕ್ಕಳಿಗೆ ಕನ್ನಡ ಲಿಪಿಯಲ್ಲಿ ಲಂಬಾಣಿ ಕಥೆಗಳಿರಲಿ. ಉರ್ದು ಓದುವವರ ಕಪಾಟಿನಲ್ಲಿ ಬರೀ ಹಳೆಯ ಪತ್ರಿಕೆ ಇದ್ದರೆ ಸಾಲದು. ವಯಸ್ಸಾದವರಿಗೆ ದಪ್ಪಕ್ಷರದ ಪುಸ್ತಕ. ಅಡುಗೆ, ಕೃಷಿ, ಕ್ರಿಕೆಟ್, ಇವುಗಳ ಬಗ್ಗೆ ಇನ್ನೊಮ್ಮೆ ಮಾತಾಡೋಣ.

ಗ್ರಂಥಪಾಲಕರಲ್ಲಿ ಒಂದೇ ಬೇಡಿಕೆ. ಸಗಟು ಖರೀದಿಯ ಪಟ್ಟಿ ಮೇಲಿಂದ ಬರುತ್ತದೆ, ಗೊತ್ತು. ಆದರೂ ಮೇಜಿನ ಮೇಲೆ ಒಂದು ನೋಟ್‌ಬುಕ್ ಇಡಿ, ದಾರಕ್ಕೆ ಪೆನ್ನು ಕಟ್ಟಿ. ಬಂದವರು ತಮಗೆ ಬೇಕಾದ ಪುಸ್ತಕ ಬರೆಯಲಿ. ವರ್ಷಕ್ಕೊಮ್ಮೆ ಆ ಪುಟಗಳನ್ನು ಜಿಲ್ಲಾ ಕಚೇರಿಗೆ ಕಳಿಸಿ, ಒಂದು ಪ್ರತಿ ಗ್ರಾಮಸಭೆಯಲ್ಲಿ ಓದಿ. ಅದರಲ್ಲಿ "ದೆವ್ವ" ಅಂತ ಮಕ್ಕಳು ಬರೆದಿದ್ದನ್ನು ಮಾತ್ರ ದಯವಿಟ್ಟು ಹೊಡೆದುಹಾಕಬೇಡಿ.

ನಮಸ್ಕಾರ.